ಕೊಂಬಿನ ಟೋಪಿ

ಮಧ್ಯಾಹ್ನದ ಬಟಾಣಿ ಗಂಜಿ ಮುಗಿದಿತ್ತು. ವಿದ್ಯಾರ್ಥಿ ನಿಲಯದ ಹುಡುಗರು ಬಾವಿಕಟ್ಟೆಯ ಹತ್ತಿರ ತಮ್ಮ ತಮ್ಮ ಮರದ ಬಟ್ಟಲು ತೊಳೆಯುತ್ತಿದ್ದರು. ಟೀಡೆಮನ್ ಅಡುಗೆಮನೆಯ ಬಾಗಿಲಿಗೆ ಒರಗಿ ನಿಂತು ಕರಿರೊಟ್ಟಿಯ ಕೊನೆಯ ತುಂಡನ್ನು ಬಲದವಡೆಯಲ್ಲಿ ಜಗಿಯುತ್ತಿದ್ದ. ಎಡದವಡೆಯಲ್ಲಿ ಜಗಿದರೆ ಕಿವಿಯೊಳಗೆ ಮುಳ್ಳು ಆಡಿಸಿದ ಹಾಗಾಗುತ್ತಿತ್ತು.

ಹಿಂದಿನಿಂದ ಯಾರೋ ಅವನ ಅಂಗಿಯ ಕುತ್ತಿಗೆ ಹಿಡಿದು ಎಳೆದರು. ಅವನು ನಿಂತಿದ್ದ ಜಾಗದಲ್ಲೇ ಬಿಸಿನೀರು ಚೆಲ್ಲಿ ಹಬೆಯಾಡಿತು. ಅಡುಗೆಯ ಮುದುಕಿ ಗೀಸೆಲಾ ಒಂದು ಕೈಯಲ್ಲಿ ಹಂಡೆ, ಇನ್ನೊಂದರಲ್ಲಿ ಅವನ ಅಂಗಿ ಹಿಡಿದು ನಿಂತಿದ್ದಳು.

"ಮೂರು ಸಲ ಕೂಗಿದೆ ಕಣೋ, ಸರಿಯೋ ಸರಿಯೋ ಅಂತ! ಬೆಂದು ಹೋಗ್ತಿದ್ದೆಯಲ್ಲೋ! ಕಿವಿ ಏನು ಹಂದಿಗೆ ಹಾಕಿದ್ದೀಯಾ?"

"ಕೇಳಿಸ್ತು ಅಜ್ಜಿ. ಯಾವುದೋ ಯೋಚನೇಲಿದ್ದೆ."

ಒಂದು ವರ್ಷದಿಂದ ಅವನು ಎಲ್ಲರಿಗೂ ಇದೇ ಉತ್ತರ ಕೊಡುತ್ತಿದ್ದ. ಗೀಸೆಲಾ ಅವನನ್ನು ಮೇಲಿನಿಂದ ಕೆಳಗೆ ನೋಡಿದಳು. ಆಮೇಲೆ ಅವನ ಎಡಗಡೆಗೆ ಸರಿದು ತುಟಿ ಆಡಿಸಿದಳು. ಅವನು ಸುಮ್ಮನೆ ನಗುತ್ತಾ ತಲೆಯಾಡಿಸಿದ. ಅವಳು ಬಲಗಡೆಗೆ ಬಂದಳು.

"ನಿಮ್ಮವ್ವ ಸತ್ತುಹೋದಳು ಅಂದೆ. ನೀನು ನಕ್ಕೆ."

ಟೀಡೆಮನ್‌ನ ಮುಖ ಬಿಳಿಚಿತು. "ಯಾರಿಗೂ ಹೇಳ್ಬೇಡ ಅಜ್ಜಿ. ನಿನ್ನ ಕಾಲಿಗೆ ಬೀಳ್ತೀನಿ."

"ನಾನ್ಯಾಕೆ ಹೇಳ್ಲಿ? ಹೇಳ್ಬೇಕಾದೋನು ನೀನು," ಎಂದು ಮುದುಕಿ ಹಂಡೆ ಎತ್ತಿಕೊಂಡು ಹೋದಳು.

ಇಡೀ ನಿಲಯದಲ್ಲಿ ಊರಿನ ಮಾತು ಆಡಬಹುದಾಗಿದ್ದ ಜಾಗ ಆ ಅಡುಗೆಮನೆಯೊಂದೇ. ಉಳಿದ ಕಡೆ ಲ್ಯಾಟಿನ್ ಬಿಟ್ಟು ಒಂದು ಮಾತು ಗುರುಗಳ ಕಿವಿಗೆ ಬಿದ್ದರೂ ಬೆತ್ತ. ಟೀಡೆಮನ್ ಬೇರೆ ಯಾರಿಗಿಂತಲೂ ಹೆಚ್ಚು ಬೆತ್ತದ ಏಟು ತಿಂದಿದ್ದ. ಲ್ಯಾಟಿನ್ ಬಾರದ್ದಕ್ಕಲ್ಲ. ಪಾಠದ ಕೋಣೆಯಲ್ಲಿ ಅವನು ಕೂರುವ ಹುಲ್ಲಿನ ಕಟ್ಟು ಬಲಗೋಡೆಗೆ ತಾಗಿಕೊಂಡಿತ್ತು. ಬಂದ ವರ್ಷ ಯಾರು ಎಲ್ಲಿ ಕೂತರೋ ಅದೇ ಅವರ ಜಾಗ. ಕೇಳುವ ಕಿವಿ ಗೋಡೆಗೆ, ಸತ್ತ ಕಿವಿ ಗುರುಗಳಿಗೆ. ಗುರು ಹೈಮೆರಾಡ್ ಪ್ರಶ್ನೆ ಕೇಳುವುದು ಮೆಲುದನಿಯಲ್ಲಿ. ಉತ್ತರ ಬರದಿದ್ದರೆ ಬೆತ್ತ ಮಾತ್ರ ಮೆಲ್ಲಗೆ ಬೀಳುತ್ತಿರಲಿಲ್ಲ. "ಸೋಮಾರಿ" ಎನ್ನುವುದು ಅವನ ಎರಡನೆಯ ಹೆಸರಾಗಿತ್ತು.

ಆ ದಿನ ಅವನಿಗಿದ್ದ ಭಯವೇ ಬೇರೆ. ಅದು ಕೊಂಬು ಕೀಳುವ ದಿನ.

ಹೊಸದಾಗಿ ಬಂದ ಹುಡುಗನಿಗೆ ಆ ಊರಿನಲ್ಲಿ ಮನುಷ್ಯನ ಹೆಸರಿರಲಿಲ್ಲ. ಅವನು ರೆಕ್ಕೆ ಬಲಿಯದ ಹಳದಿ ಕೊಕ್ಕಿನ ಮರಿ, ಕಾಡುಪ್ರಾಣಿ. ಅವನ ತಲೆಗೆ ಕೊಂಬಿನ ಟೋಪಿ ಹಾಕಿ, ಬಾಯಿಗೆ ಹಂದಿಯ ಕೋರೆ ತುರುಕಿ, ಗರಗಸದಿಂದ ಕೊಂಬು ಕೊಯ್ದು, ಕೀಸುಳಿಯಿಂದ ಮೈ ಕೀಸಿ, ತೋಳುದ್ದದ ಮರದ ಸೌಟಿನಿಂದ ಕಿವಿಯ ಗುಗ್ಗೆ ತೆಗೆದು, ಕಡೆಗೆ ಇಕ್ಕಳದಿಂದ ಕೋರೆ ಕಿತ್ತರೆ ಅವನು ಮನುಷ್ಯನಾದ. ಇದಾಯಿತೆಂದು ನಿಲಯದ ಗುರು ಚೀಟಿ ಬರೆದುಕೊಟ್ಟರೆ ಮಾತ್ರ ವಿದ್ಯಾಪೀಠದ ದಫ್ತರದಲ್ಲಿ ಹೆಸರು ಹತ್ತುತ್ತಿತ್ತು. ಮನುಷ್ಯನಾದವನು ಧರ್ಮಪುಸ್ತಕ ಮುಟ್ಟಿ ಮೂರು ಮಾತಿನ ಪ್ರಮಾಣ ಮಾಡಬೇಕು: ನನಗಾದದ್ದನ್ನು ಹೊರಗೆ ಹೇಳೆನು, ಸೇಡು ತೀರಿಸೆನು, ಮುಂದೆ ಬರುವವನಿಗೆ ಇದನ್ನೇ ಮಾಡುವೆನು. ಇದಕ್ಕೆ ಶಾಸ್ತ್ರ ಎಂದು ಹೆಸರು. ಎಂಥೆಂಥ ಪಂಡಿತರು ಕೂತು ಇದನ್ನು ನೋಡಿ ನಗುತ್ತಿದ್ದರು.

ಹೋದ ವರ್ಷ ಟೀಡೆಮನ್‌ನ ಸರದಿ ಬಂದಾಗ ಯಾರೋ ಬೆಂಚು ಅಲುಗಿಸಿದ್ದರು. ಸೌಟಿನ ಚೂಪು ಹಿಡಿ ಎಡಗಿವಿಯೊಳಗೆ ಹೋಗಿತ್ತು. ಒಳಗೆ ಪಟ್ಟೆಂದಿತ್ತು. ಅವನು ಕಿರುಚಿದ್ದಕ್ಕೆ ಎಲ್ಲರೂ ಇನ್ನಷ್ಟು ನಕ್ಕಿದ್ದರು, ಹಂದಿ ಕಿರುಚುತ್ತದೆಂದು. ಎರಡು ತಿಂಗಳು ಕೀವು ಸೋರಿತ್ತು. ಟೋಪಿ ಎಳೆದುಕೊಂಡು ಮುಚ್ಚಿಟ್ಟಿದ್ದ.

ಅಂಗಳದಲ್ಲಿ ರೂಪ್ರೆಕ್ಟ್ ಹತಾರಗಳನ್ನು ಹರವಿಕೊಂಡು ಕೂತಿದ್ದ. ನಾಲ್ಕು ವರ್ಷದಿಂದ ನಿಲಯದಲ್ಲಿರುವವನು, ಎತ್ತಿನಂಥ ಆಳು. ಶಾಸ್ತ್ರಕ್ಕೆ ಅವನೇ ಯಜಮಾನ. ಟೀಡೆಮನ್ ಕಂಡದ್ದೇ ಆ ಉದ್ದ ಸೌಟನ್ನು ಅವನ ಎದೆಗೆ ತಳ್ಳಿದ.

"ಹಿಡಿ. ಈ ಸಲ ಕಿವಿಯ ಕೆಲಸ ನಿಂದು."

"ಬೇರೆ ಯಾರಿಗಾದ್ರೂ ಕೊಡಣ್ಣಾ. ನನ್ನ ಕೈ ಸರಿಯಿಲ್ಲ."

"ಯಾಕೆ, ಕನಿಕರವೋ?" ರೂಪ್ರೆಕ್ಟ್ ತುಟಿ ಎತ್ತಿ ಮುರಿದ ಮುಂಹಲ್ಲು ತೋರಿಸಿದ. "ಇದು ನೋಡು. ನನಗೂ ಮಾಡಿದ್ರು. ಸತ್ನಾ? ಅದೇ ಚಳಿಗಾಲ ನನಗೆ ಜ್ವರ ಬಂತು. ರಾತ್ರಿಯೆಲ್ಲಾ ಪಕ್ಕದಲ್ಲಿ ಕೂತು ಗಂಜಿ ಕುಡಿಸಿದೋನು ಯಾರು ಗೊತ್ತಾ? ಈ ಹಲ್ಲು ಮುರಿದೋನೇ! ಒಟ್ಟಿಗೆ ಹೇಸಿಗೆ ದಾಟಿದೋರು ಒಬ್ಬರನ್ನೊಬ್ಬರು ಬಿಡಲ್ಲ ಕಣೋ. ನಿನ್ನ ಪಾಡಿಗೆ ಬಂದು, ನಿನ್ನ ಪಾಡಿಗೆ ಓದಿ ಹೋಗೋಕೆ ಇದೇನು ನಿಮ್ಮಪ್ಪನ ಕೊಟ್ಟಿಗೆಯಾ?"

"ಗಂಜಿ ಕುಡಿಸೋಕೆ ಮೊದಲು ಹಲ್ಲು ಮುರೀಲೇಬೇಕಾ?"

ರೂಪ್ರೆಕ್ಟ್‌ನ ಮುಖ ಕೆಂಪಾಯಿತು. "ಪ್ರಮಾಣ ಮಾಡಿದ್ದೀಯ ಮಗನೇ. ಮೂರನೇ ಮಾತು ಮರೆತ್ಯಾ? ಮುರಿದು ನೋಡು. ನಾಳೆ ಬೆಳಗ್ಗೆ ದಫ್ತರದಿಂದ ನಿನ್ನ ಹೆಸರು ಹೊಡೆದು ಹಾಕಿಸ್ತೀನಿ. ನೀನು ಹಿಡೀದಿದ್ರೆ ಸೌಟೇನೂ ಸುಮ್ನಿರಲ್ಲ. ನಾನೇ ಹಿಡೀತೀನಿ."

ಆ ಕೈಯ ಅಳತೆ ಟೀಡೆಮನ್‌ಗೆ ಗೊತ್ತಿತ್ತು. ಹೋದ ವರ್ಷ ಹಿಡಿದದ್ದೂ ಅದೇ ಕೈ. ರೂಪ್ರೆಕ್ಟ್‌ಗೆ ಮಾತ್ರ ತನ್ನ ಕೈ ಏನು ಮಾಡಿತೆಂಬುದು ಗೊತ್ತಿರಲಿಲ್ಲ.

ಹೆಸರು ಹೋದರೆ ಊರಿಗೆ ಹಿಂತಿರುಗಬೇಕು. ಊರಿನಲ್ಲಿ ಸೋದರಮಾವ ಪಾದ್ರಿ. ಅಕ್ಷರ ಕಲಿಸಿದವನು, ಕಾಗದ ಬರೆದು ಕಳಿಸಿದವನು. ಪ್ರಮಾಣ ಮುರಿದವನನ್ನು ಯಾವ ಚರ್ಚೂ ಗಂಟೆ ಹೊಡೆಯಲಿಕ್ಕೂ ಇಟ್ಟುಕೊಳ್ಳುವುದಿಲ್ಲ. ಟೀಡೆಮನ್ ಸೌಟು ಹಿಡಿದುಕೊಂಡ.

ಬಾಗಿಲ ಹತ್ತಿರ ಹೊಸ ಹುಡುಗ ಏವಾಲ್ಟ್ ಕಾದಿದ್ದ. ಮೂರು ದಿನದ ಹಿಂದೆ ಉಪ್ಪಿನ ಗಾಡಿಯಲ್ಲಿ ಬಂದಿಳಿದವನು. ಶಾಸ್ತ್ರದ ಔತಣಕ್ಕೆಂದು ಮನೆಯವರು ಕೊಟ್ಟ ಎರಡು ಬಾತುಗಳನ್ನು ಕಂಕುಳಲ್ಲಿ ಅವುಚಿಕೊಂಡು ತಂದಿದ್ದ. ಹದಿನೈದು ತುಂಬಿರಲಿಲ್ಲ.

"ಅಣ್ಣಾ, ನಿಜ ಹೇಳು. ನೋಯುತ್ತಾ?"

"ಇಲ್ಲ ಕಣೋ. ತಮಾಷೆ ಅಷ್ಟೆ."

ಹೇಳಿದ ಮೇಲೆ ಟೀಡೆಮನ್‌ಗೆ ಮೈ ಜುಮ್ಮೆಂದಿತು. ಹೋದ ವರ್ಷ ಇದೇ ಬಾಗಿಲಲ್ಲಿ ಅವನು ಇದೇ ಪ್ರಶ್ನೆ ಕೇಳಿದ್ದ. ಇದೇ ಉತ್ತರ ಸಿಕ್ಕಿತ್ತು.

ಸಂಜೆಯ ಊಟಕ್ಕೆ ಮೊದಲು ದೊಡ್ಡ ಕೋಣೆಯಲ್ಲಿ ಶಾಸ್ತ್ರ ಶುರುವಾಯಿತು. ಗುರು ಹೈಮೆರಾಡ್ ಕುರ್ಚಿಯಲ್ಲಿ ಕೂತು ದ್ರಾಕ್ಷಾರಸದ ಬಟ್ಟಲು ಹಿಡಿದಿದ್ದರು. ಕೆಟ್ಟವರಲ್ಲ. ತಮಗೂ ಆದದ್ದು, ಹುಡುಗಾಟ, ಆಗಿಹೋಗಲಿ ಎನ್ನುವವರು.

"ಏನಿದು ನಾತ! ಯಾವ ಹಂದಿ ಒಳಗೆ ಹೊಕ್ಕಿತು?" ರೂಪ್ರೆಕ್ಟ್ ಮೂಗು ಹಿಡಿದು ಕೂಗಿದ. ಇಪ್ಪತ್ತು ಗಂಟಲು ಒಟ್ಟಿಗೆ ಹೂಂಕರಿಸಿದವು. ಏವಾಲ್ಟ್‌ನ ತಲೆಗೆ ಟೋಪಿ ಬಿತ್ತು. ಬಾಯಿಗೆ ಕೋರೆ ಹೊಕ್ಕಿತು. ಬೆಂಚಿಗೆ ಕಟ್ಟಿದರು. ಹುಡುಗ ಮೊದಮೊದಲು ನಗುತ್ತಿದ್ದ. ಗರಗಸ ಟೋಪಿಯ ಒಂದು ಕೊಂಬನ್ನು ಕೊಯ್ದು ಹಣೆಗೂ ತಾಗಿದಾಗ ನಗು ನಿಂತಿತು. ಕೀಸುಳಿ ಮುಂಗೈಯ ಸಿಪ್ಪೆ ಎಬ್ಬಿಸಿತು. ಬಾಯಿಯ ತುಂಬ ಕೋರೆ, ಮಾತಾಡುವಂತಿಲ್ಲ. ಜೊಲ್ಲು ಗದ್ದದಿಂದ ಇಳಿಯುತ್ತಿತ್ತು.

"ಸೌಟು! ಸೌಟು!" ಹುಡುಗರು ಬೆಂಚು ಗುದ್ದತೊಡಗಿದರು.

ಟೀಡೆಮನ್ ಮುಂದೆ ಬಂದ. ಏವಾಲ್ಟ್ ಅವನನ್ನೇ ನೋಡುತ್ತಿದ್ದ. ಆ ನೋಟದಲ್ಲಿ ಸಿಟ್ಟಿರಲಿಲ್ಲ. ತಮಾಷೆ ಅಂದಿದ್ದೆಯಲ್ಲಾ ಎಂಬ ಒಂದು ಮಾತಿತ್ತು. ಬೆಂಚಿನ ಕೆಳಗೆ ಏನೋ ತೊಟ್ಟಿಕ್ಕಿತು. ಹುಡುಗ ಉಚ್ಚೆ ಹೊಯ್ದುಕೊಂಡಿದ್ದ. ಕೋಣೆ ನಗೆಯಿಂದ ಬಿರಿಯಿತು. ಹೋದ ವರ್ಷ ತನ್ನ ಚಡ್ಡಿಯೂ ಒದ್ದೆಯಾಗಿತ್ತೆಂಬುದು ಟೀಡೆಮನ್‌ಗೆ ಆ ಕ್ಷಣದಲ್ಲಿ ನೆನಪಾಯಿತು. ಇಷ್ಟು ದಿನ ಅದನ್ನು ತನಗೆ ತಾನೇ ಮರೆಮಾಚಿದ್ದ.

ಅವನು ಸೌಟನ್ನು ನೆಲಕ್ಕಿಟ್ಟ. ಏವಾಲ್ಟ್‌ನ ತಲೆಯಿಂದ ಒಂಟಿ ಕೊಂಬಿನ ಟೋಪಿ ತೆಗೆದು ತನ್ನ ತಲೆಗೆ ಹಾಕಿಕೊಂಡ. ಹುಡುಗನ ಪಕ್ಕದಲ್ಲಿ, ಒದ್ದೆ ಬೆಂಚಿನ ಮೇಲೆಯೇ, ಕೂತ.

"ಗುರುಗಳೇ, ನನ್ನ ಶಾಸ್ತ್ರ ಅರ್ಧಕ್ಕೆ ನಿಂತಿದೆ. ಎಡಗಿವಿ ಇನ್ನೂ ತೆರೆದಿಲ್ಲ. ಮೊದಲು ನನಗೆ ಮುಗಿಸಿ. ಆಮೇಲೆ ಇವನಿಗೆ."

ಹೆದರಿಕೆಯಲ್ಲಿ ಲ್ಯಾಟಿನ್ ಮರೆತುಹೋಗಿ ಅಡುಗೆಮನೆಯ ಮಾತು ಬಂದಿತ್ತು. ಅದನ್ನು ಯಾರೂ ಗಮನಿಸಲಿಲ್ಲ. "ಕುಡಿದಿದ್ದಾನೆ!" ಎಂದು ಯಾರೋ ಕೂಗಿದರು.

"ಕುಡಿದಿಲ್ಲ. ನಾನು ಕಣ್ಣು ಮುಚ್ಕೋತೀನಿ. ಬಲಗಿವಿಗೆ ಬೆರಳಿಡ್ತೀನಿ. ನನ್ನ ಎಡಗಡೆ ನಿಂತು ಹೆಸರು ಕರೀರಿ. ಕೇಳಿದ್ರೆ ಕೈ ಎತ್ತುತೀನಿ."

ಕಣ್ಣು ಮುಚ್ಚಿ ಬೆರಳನ್ನು ಕಿವಿಯ ಆಳಕ್ಕೆ ಒತ್ತಿದ. ಲೋಕ ಆರಿಹೋಯಿತು. ನಗುತ್ತಿದ್ದಾರೋ, ಎದ್ದು ಬರುತ್ತಿದ್ದಾರೋ, ಇಕ್ಕಳ ಎತ್ತಿಕೊಂಡರೋ, ಏನೂ ತಿಳಿಯದು. ಕತ್ತಲೆಯಲ್ಲಿ ತನ್ನ ಎದೆಬಡಿತ ಒಂದೇ. ಈಗ ಬೀಳುತ್ತದೆ ಏಟು, ಈಗ ಬೀಳುತ್ತದೆ ಎಂದು ಹೆಗಲು ತಾನಾಗಿ ಮೇಲೆದ್ದಿತು. ಮಗ್ಗುಲಲ್ಲಿ ಏವಾಲ್ಟ್‌ನ ಮೈ ನಡುಗುವುದು ಬೆಂಚಿನ ಮೂಲಕ ತಾಗುತ್ತಿತ್ತು. ಕುತ್ತಿಗೆಯ ಮೇಲೆ ಬಿಸಿಯುಸಿರು ಬಡಿಯಿತು, ಈರುಳ್ಳಿಯ ವಾಸನೆ. ಬಾವಿಯ ತಳದಲ್ಲಿ ನೊಣ ಗುಂಯ್ಗುಟ್ಟಿದಂತೆ ಏನೋ. ಮತ್ತೆ ಅದೂ ಇಲ್ಲ.

ತಡೆಯಲಾರದೆ ಕಣ್ಣು ಬಿಟ್ಟ. ಎಡಗಡೆ ರೂಪ್ರೆಕ್ಟ್ ಬಗ್ಗಿ ನಿಂತಿದ್ದ. ಬಾಯಿ ತೆರೆದಿತ್ತು. ಕತ್ತಿನ ನರಗಳು ಹಗ್ಗದಂತೆ ಉಬ್ಬಿದ್ದವು. ಬಹಳ ಹೊತ್ತಿನಿಂದ ಕೂಗುತ್ತಿದ್ದನೆಂದು ಕಾಣುತ್ತದೆ. ಕೋಣೆಯಲ್ಲಿ ಒಬ್ಬರೂ ನಗುತ್ತಿರಲಿಲ್ಲ.

ಟೀಡೆಮನ್ ಬೆರಳು ತೆಗೆದ.

"ಎಂದಿನಿಂದ?" ಗುರುಗಳು ಕೇಳಿದರು.

"ಹೇಳೋ ಹಾಗಿಲ್ಲ ಗುರುಗಳೇ. ಪ್ರಮಾಣ ಮಾಡಿದ್ದೀನಿ."

ಅಷ್ಟೇ ಸಾಕಾಯಿತು. ರೂಪ್ರೆಕ್ಟ್ ನೆಲದ ಮೇಲಿನ ಸೌಟನ್ನು ನೋಡಿದ, ತನ್ನ ಅಂಗೈಯನ್ನು ನೋಡಿಕೊಂಡ. ಗುರುಗಳ ಕೈಯ ಬಟ್ಟಲು ವಾಲಿ ದ್ರಾಕ್ಷಾರಸ ನಿಲುವಂಗಿಯ ಮೇಲೆ ಸುರಿಯುತ್ತಿತ್ತು.

"ವರ್ಷವಿಡೀ ನಿನಗೆ ಹೊಡೆದೆನಲ್ಲೋ," ಎಂದರು. ಅದು ಪ್ರಶ್ನೆಯಾಗಿರಲಿಲ್ಲ.

ಹಿಂದಿನಿಂದ ಒಬ್ಬ ಕೂಗಿದ: "ಏನೇ ಆಗ್ಲಿ, ಮೂರನೇ ಮಾತು ಮುರಿದ! ದಫ್ತರದಿಂದ ಹೆಸರು ಹೊಡೀರಿ!" ಇನ್ನಿಬ್ಬರು ಹೌದೆಂದರು. ಗುರುಗಳು ಎದ್ದು ಬಂದು ಏವಾಲ್ಟ್‌ನ ಬಾಯಿಂದ ಕೋರೆಗಳನ್ನು ಒಂದೊಂದಾಗಿ ಮೆಲ್ಲಗೆ ತೆಗೆದರು. ತಮ್ಮ ಕರವಸ್ತ್ರದಿಂದ ಅವನ ಗದ್ದ ಒರೆಸಿದರು. "ನಾಳೆ ಪಾಠದಲ್ಲಿ ನೋಡೋಣ," ಎಂದಷ್ಟೇ ಹೇಳಿ ಹೊರಟುಹೋದರು.

ಬೆಳಗ್ಗೆ ಟೀಡೆಮನ್ ತನ್ನ ಎರಡು ಅಂಗಿ, ಶಾಯಿಕೊಂಬು, ಮಾವನ ಕಾಗದ ಎಲ್ಲವನ್ನೂ ಗಂಟು ಕಟ್ಟಿಟ್ಟ. ಅಡುಗೆಮನೆಯ ಮುಂದೆ ಹಾದುಹೋಗುವಾಗ ಗೀಸೆಲಾ ಅವನ ಬಲಗಡೆಗೆ ಬಂದು ಬಿಸಿ ರೊಟ್ಟಿ ಕೈಗಿಟ್ಟಳು.

"ಹೋಗು. ಓಡಿಸಿದ್ರೆ ಓಡಿಸ್ಲಿ. ಹೊಟ್ಟೆ ತುಂಬಿಸ್ಕೊಂಡು ಹೋಗು."

ಪಾಠದ ಕೋಣೆಯ ಹೊಸ್ತಿಲಲ್ಲಿ ಅವನು ನಿಂತುಬಿಟ್ಟ. ಬಲಗೋಡೆಯ ಬಳಿ ಅವನ ಹುಲ್ಲಿನ ಕಟ್ಟು ಇರಲಿಲ್ಲ. ಆ ಜಾಗದಲ್ಲಿ ಬೇರೆ ಕಟ್ಟು ಬಿದ್ದಿತ್ತು. ಅದರ ಮೇಲೆ ಯಾರೋ ಗೋಡೆಯತ್ತ ಮುಖ ತಿರುಗಿಸಿ ಕೂತಿದ್ದರು. ಹೆಸರು ಹೊಡೆದಾಯಿತು, ಜಾಗವನ್ನೂ ಕೊಟ್ಟಾಯಿತು ಎಂದುಕೊಂಡ. ಹಿಂತಿರುಗಲು ಒಂದು ಹೆಜ್ಜೆ ಇಟ್ಟೂ ಆಯಿತು.

ಹಿಂದಿನ ಸಾಲಿನಲ್ಲಿ ಏವಾಲ್ಟ್ ಕೂತಿದ್ದ. ಹಣೆಗೆ ಪಟ್ಟಿ, ಕೈಯಲ್ಲಿ ಗುರುಗಳ ಸಹಿಯ ಚೀಟಿ. ಅವನು ಗದ್ದ ಎತ್ತಿ ಎದುರುಬದಿ ತೋರಿಸಿದ.

ಎಡಗೋಡೆಗೆ ತಾಗಿ, ಕಿಟಕಿಯ ಕೆಳಗೆ, ಕೋಣೆಯಲ್ಲೇ ಹೆಚ್ಚು ಬೆಳಕು ಬೀಳುವ ಜಾಗದಲ್ಲಿ ಟೀಡೆಮನ್‌ನ ಹುಲ್ಲಿನ ಕಟ್ಟು ಇತ್ತು. ನಾಲ್ಕು ವರ್ಷದಿಂದ ಅದು ರೂಪ್ರೆಕ್ಟ್‌ನ ಜಾಗ. ಅಲ್ಲಿ ಇನ್ನೊಬ್ಬರ ನೆರಳು ಬಿದ್ದರೂ ಅವನು ಒದೆಯುತ್ತಿದ್ದ. ಟೀಡೆಮನ್ ಬಲಗೋಡೆಯ ಕಡೆಗೆ ಮತ್ತೆ ನೋಡಿದ. ಮುಖ ತಿರುಗಿಸಿ ಕೂತಿದ್ದವನ ಬೆನ್ನು ಎತ್ತಿನ ಬೆನ್ನಿನಷ್ಟು ಅಗಲವಾಗಿತ್ತು. ಆ ಬೆನ್ನು ಈ ಕಡೆ ತಿರುಗಲಿಲ್ಲ.

ಅವನು ಹೋಗಿ ಕೂತ. ಈಗ ಸತ್ತ ಕಿವಿ ಗೋಡೆಗೆ.

ಗುರುಗಳು ಬಂದರು. ಕಂಕುಳಲ್ಲಿ ಪುಸ್ತಕವಿತ್ತು, ಬೆತ್ತವಿರಲಿಲ್ಲ. ಪೀಠ ಹತ್ತಿ, ಹಾಳೆ ತಿರುವಿ, ತಲೆ ಎತ್ತದೆ, ಎಂದಿನ ಮೆಲುದನಿಯಲ್ಲಿ ಮೊದಲ ಪ್ರಶ್ನೆಗೆ ಹೆಸರು ಕರೆದರು.

ಟೀಡೆಮನ್ ಮೊದಲ ಕರೆಗೇ ಎದ್ದು ನಿಂತ.