ದೊರ್ರಾ ಹೇಳಬೇಕಾಗಿದ್ದ ಮಾತು

ನನ್ನ ಮೊಮ್ಮಗಳು ಸಿರೀನ್ ಟಿವಿಯಲ್ಲಿ ಬಂದಿದ್ದಳು. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಹೇಳದೆ ಇರಲು ನನ್ನಿಂದಾಗುವುದಿಲ್ಲ. ಬಿಜೆರ್ಟ್ ಊರಿನ ಹಳೇ ಬಂದರಿನ ಹಿಂದಿರುವ ನಮ್ಮ ಕೇರಿಯಲ್ಲಿ ಮೀನು ಮಾರುವವನಿಂದ ಹಿಡಿದು ಮಸೀದಿಯಲ್ಲಿ ಬಾಂಗ್ ಕೂಗುವವನವರೆಗೆ ಎಲ್ಲರಿಗೂ ನಾನೇ ಹೋಗಿ ಹೇಳಿ ಬಂದಿದ್ದೇನೆ. ಮರೆತಿರಬಹುದು ಅನ್ನಿಸಿದವರಿಗೆ ಇನ್ನೊಂದು ಸಲ ಹೇಳಿದ್ದೇನೆ. ಮುದುಕಿಗೆ ಜಂಬ ಅಂದವರಿದ್ದಾರೆ. ಹೌದು, ಜಂಬವೇ. ಅವರ ಮನೆಯಿಂದ ಯಾರಾದರೂ ಟಿವಿಯಲ್ಲಿ ಬಂದಿದ್ದರೆ ಅವರೂ ನನ್ನ ಹಾಗೇ ಬೀದಿ ಸುತ್ತುತ್ತಿದ್ದರು.

ಅದು ರಮದಾನಿನ ಧಾರಾವಾಹಿ. ಹೆಸರು ‘ಸೇತುವೆ ಎತ್ತಿದಾಗ’. ನಮ್ಮೂರಿನ ಸೇತುವೆ ಹಡಗು ಬಂದಾಗಲೆಲ್ಲ ಮೇಲೇಳುತ್ತದೆ, ಈಚೆಯವರು ಈಚೆ, ಆಚೆಯವರು ಆಚೆ ನಿಂತುಬಿಡುತ್ತಾರೆ. ಶಾಲೆಗೆ ತಡವಾದವರು, ಕೆಲಸಕ್ಕೆ ತಡವಾದವರು, ಸ್ವಂತ ಮದುವೆಗೆ ತಡವಾದವರು ಕೂಡ ಇಲ್ಲಿ ಹೇಳುವ ನೆಪ ಒಂದೇ, ಸೇತುವೆ ಎತ್ತಿದ್ದರು ಅಂತ. ಧಾರಾವಾಹಿಯಲ್ಲೂ ಐದು ಜನ ಗೆಳೆಯ ಗೆಳತಿಯರು ಅದೇ ನೆಪ ಹೇಳಿ ತರಗತಿ ತಪ್ಪಿಸಿ, ಬಂದರಿನ ಕಲ್ಲುಗಳ ಮೇಲೆ ಕೂತು ತಮ್ಮ ಪ್ರೀತಿ, ಮುನಿಸು, ಜಗಳಗಳನ್ನೆಲ್ಲ ಹಂಚಿಕೊಳ್ಳುತ್ತಿದ್ದರು. ನಮ್ಮೂರಿನ ಸೇತುವೆ, ನಮ್ಮೂರಿನ ಮಾತು, ನಮ್ಮೂರಿನ ಮಕ್ಕಳು. ಟಿವಿಯಲ್ಲಿ ಅದುವರೆಗೆ ನಾವು ರಾಜಧಾನಿಯವರ ಮಾತನ್ನೇ ಕೇಳಿದ್ದವರು.

ಅದರಲ್ಲಿ ದೊರ್ರಾ ಎಂಬ ಹುಡುಗಿಯ ಪಾತ್ರ ಸಿರೀನಳದು. ನಿರ್ದೇಶಕಿ ರಾಜಧಾನಿಯಿಂದ ಬಂದ ನುಣುಪು ಮುಖದ ಹುಡುಗಿಯರನ್ನೆಲ್ಲ ಬಿಟ್ಟು ಶಾಲೆಯ ನಾಟಕದ ಗುಂಪಿನಿಂದ ನನ್ನ ಮೊಮ್ಮಗಳನ್ನು ಆರಿಸಿಕೊಂಡಳು. ಸಿರೀನಳ ಅಪ್ಪ ಹಡಗಿನ ಕೆಲಸದವನು, ಅಮ್ಮ ಆಸ್ಪತ್ರೆಯ ಪಾಳಿಯವಳು. ಹಾಗಾಗಿ ಆ ಚಳಿಗಾಲವಿಡೀ ಮಾಳಿಗೆಯ ಮೇಲೆ ಅವಳು ಮಾತು ಬಾಯಿಪಾಠ ಮಾಡುವುದನ್ನು ಕೇಳಿಸಿಕೊಂಡವರು ಇಬ್ಬರೇ, ಒಬ್ಬಳು ನಾನು, ಇನ್ನೊಬ್ಬಳು ಪಕ್ಕದ ಮನೆಯ ಅಬೀರ್. ಅಂಬೆಗಾಲಿಡುವಾಗಿನಿಂದ ಇಬ್ಬರೂ ಒಂದೇ ಜೀವ. ಅಬೀರ್ ಎದುರಿನ ಪಾತ್ರದ ಮಾತುಗಳನ್ನು ಓದುವಳು, ಸಿರೀನ್ ತನ್ನದನ್ನು ಹೇಳುವಳು. ನಾನು ಬಟ್ಟೆ ಒಣಗಹಾಕುವ ನೆಪದಲ್ಲಿ ಒಣಗಿದ್ದನ್ನೇ ಮತ್ತೆ ಮತ್ತೆ ಹರವುತ್ತಿದ್ದೆ.

ರಮದಾನ್ ಬಂತು. ಉಪವಾಸ ಬಿಟ್ಟು ಕೈಯಲ್ಲಿ ಮೊಟ್ಟೆ ತುಂಬಿ ಕರಿದ ಬಿಸಿ ಬ್ರೀಕ್ ಹಿಡಿದುಕೊಂಡು ಕೇರಿಗೆ ಕೇರಿಯೇ ಟಿವಿ ಮುಂದೆ ಕೂರುತ್ತಿತ್ತು. ಎಲ್ಲ ಮನೆಗಳಿಂದ ಒಂದೇ ಧ್ವನಿ, ನನ್ನ ಮೊಮ್ಮಗಳದು. ಅಬೀರಳ ಅಮ್ಮ ಶೆದ್ಲಿಯಾ ಗೋಡೆಯಾಚೆಯಿಂದ ಕೂಗುತ್ತಿದ್ದಳು, “ಮನ್ನೂಬಿಯಮ್ಮ, ನಿಮ್ಮ ಹುಡುಗಿ ಇವತ್ತೂ ಅಳಿಸಿಬಿಟ್ಲು ಕಣ್ರೀ. ಸೂಪಿಗೆ ಉಪ್ಪೇ ಬೇಕಾಗ್ಲಿಲ್ಲ.”

ಆಮೇಲೆ ಆ ಕಂತು ಬಂತು. ದೊರ್ರಾಳ ಗೆಳತಿ ಲುಬ್ನಾ ದೋಣಿಯವನ ಮಗನನ್ನು ಪ್ರೀತಿಸುತ್ತಿರುತ್ತಾಳೆ. ಯಾರೋ ಹೋಗಿ ಅವಳ ಅಪ್ಪನಿಗೆ ಹೇಳಿಬಿಡುತ್ತಾರೆ. ಅಪ್ಪ ಅವಳ ಶಾಲೆ ಬಿಡಿಸುತ್ತಾನೆ. ಹೇಳಿದವರು ಯಾರು ಅಂತ ಎಲ್ಲರೂ ಒಬ್ಬರ ಮುಖ ಒಬ್ಬರು ನೋಡುವಾಗ ಕ್ಯಾಮೆರಾ ಬಂದು ದೊರ್ರಾಳ ಮುಖದ ಮೇಲೆ ನಿಂತಿತು. ಅಲ್ಲಿಗೆ ಕಂತು ಮುಗಿಯಿತು. ಮಾರನೆಯ ದಿನ ಅದೇ ಹೊತ್ತಿಗೆ ಟಿವಿ ಹಾಕಿದರೆ ಒಬ್ಬ ದಪ್ಪ ಅಡುಗೆಯವನು ಮೆಣಸಿನಕಾಯಿಗೆ ಮಸಾಲೆ ತುಂಬುತ್ತಿದ್ದ. ಧಾರಾವಾಹಿ ಮಕ್ಕಳ ತಲೆ ಕೆಡಿಸುತ್ತಿದೆ ಅಂತ ಕೆಲವರು ದೂರು ಕೊಟ್ಟರಂತೆ, ಜಾಹೀರಾತಿನವರು ಹಿಂದೆ ಸರಿದರಂತೆ, ಟಿವಿಯವರು ನಿಲ್ಲಿಸಿದರಂತೆ. ಮಕ್ಕಳಿಗೆ ಪ್ರೀತಿ ಮಾಡುವುದನ್ನು ಟಿವಿ ಬಂದು ಕಲಿಸಬೇಕೇ? ನನ್ನ ಕಾಲದಲ್ಲಿ ಟಿವಿಯೇ ಇರಲಿಲ್ಲ. ಆದರೂ ನನ್ನ ಗಂಡ ನಮ್ಮ ಮನೆಯ ಕಿಟಕಿ ಕೆಳಗೆ ನಿಂತು ಶಿಳ್ಳೆ ಹಾಕುತ್ತಿದ್ದ.

ಕಥೆ ದೊರ್ರಾಳ ಮುಖದ ಮೇಲೇ ನಿಂತುಹೋಯಿತಲ್ಲ, ಕೇರಿಯವರೇ ತೀರ್ಪು ಕೊಟ್ಟರು. ಹೇಳಿದ್ದು ದೊರ್ರಾ. ದೊರ್ರಾ ಅಂದರೆ ಸಿರೀನ್. ಅವಳು ಅಂಗಡಿಗೆ ಕಾಲಿಟ್ಟರೆ ಅಂಗಡಿಯವನು, “ಮೆಲ್ಲಗೆ ಮಾತಾಡ್ರಪ್ಪ, ಬಂದ್ಲು” ಅನ್ನುವನು. ಚಿಳ್ಳೆಪಿಳ್ಳೆಗಳು ಹಿಂದೆ ಬಿದ್ದು ಚಾಡಿಕೋರಿ ಅಂತ ಕೂಗುವವು. ಬೇರೆ ಊರಾಗಿದ್ದರೆ ನಕ್ಕು ಸುಮ್ಮನಾಗಬಹುದಿತ್ತು. ನಮ್ಮಲ್ಲಿ ಆ ಮಾತಿಗೆ ತೂಕ ಬೇರೆ. ಹಳೇ ಸರ್ಕಾರದ ಕಾಲದಲ್ಲಿ ಪ್ರತಿ ಬೀದಿಯಲ್ಲೂ ಯಾರದೋ ಒಂದು ಕಿವಿ ತೆರೆದೇ ಇರುತ್ತಿತ್ತು. ಶೆದ್ಲಿಯಾಳ ತಮ್ಮ ನಬೀಲ್ ಕಾಫಿ ಅಂಗಡಿಯಲ್ಲಿ ಏನೋ ಎರಡು ಮಾತಾಡಿದ್ದಕ್ಕೆ ಅವನನ್ನು ಊಟದ ತಟ್ಟೆಯ ಮುಂದಿನಿಂದ ಎಬ್ಬಿಸಿಕೊಂಡು ಹೋದರು. ವರ್ಷಗಳ ಮೇಲೆ ತಿರುಗಿ ಬಂದ, ಬಂದವನು ಹೆಚ್ಚು ದಿನ ಉಳಿಯಲಿಲ್ಲ. ಆ ಸರ್ಕಾರ ಬಿತ್ತು, ದೊಡ್ಡವರೆಲ್ಲ ಓಡಿಹೋದರು, ನಾವೂ ಬೀದಿಗಿಳಿದು ಕುಣಿದೆವು. ಆದರೆ ಕಾಫಿ ಅಂಗಡಿಯ ಮಾತನ್ನು ಒಯ್ದು ಮುಟ್ಟಿಸಿದವರು ಯಾರು ಅಂತ ಇವತ್ತಿಗೂ ಗೊತ್ತಿಲ್ಲ. ಶೆದ್ಲಿಯಾ ಬೀದಿಯಲ್ಲಿ ಸಲಾಂ ಹೇಳುವಾಗಲೂ ಎದುರಿನವರ ಮುಖವನ್ನು ಒಂದು ಗಳಿಗೆ ಹೆಚ್ಚಿಗೆ ನೋಡುತ್ತಾಳೆ.

ಅವಳು ಮಗಳನ್ನು ನಮ್ಮ ಮನೆಗೆ ಕಳಿಸುವುದನ್ನು ನಿಲ್ಲಿಸಿದಳು. ಸಿರೀನ್ ಹೋಗಿ ಬಾಗಿಲು ತಟ್ಟಿದರೆ, “ಅಬೀರ್ ಓದ್ಕೋತಿದ್ದಾಳೆ” ಅನ್ನುವಳು. ರಮದಾನಿನಲ್ಲಿ, ರಜದಲ್ಲಿ, ಏನು ಓದು? ಧಾರಾವಾಹಿ ನಿಂತಾಗ ಅಳದ ಹುಡುಗಿ ಅವತ್ತು ಮಾಳಿಗೆ ಹತ್ತಿ ಅತ್ತಳು.

ಹಬ್ಬಕ್ಕೆಂದು ನಾನು ಕಡಲೆಹಿಟ್ಟು ಜರಡಿ ಹಿಡಿಯುತ್ತಿದ್ದೆ. ಪಕ್ಕದಲ್ಲಿ ಕೂರಿಸಿಕೊಂಡು ಕೇಳಿದೆ, “ನಿಜ ಹೇಳು, ಹೇಳಿದ್ದು ನೀನೇನಾ?”

“ನಾನಲ್ಲ ಅಜ್ಜಿ, ದೊರ್ರಾ.”

“ಅದೇ ಕಣೇ, ಆ ದೊರ್ರಾನೇನಾ?”

“ಹೂಂ. ಮುಂದಿನ ಕಂತಲ್ಲಿ ಲುಬ್ನಾ ಮನೆಗೆ ಹೋಗಿ ಎಲ್ರ ಮುಂದೆ ಒಪ್ಕೋತಾಳೆ. ಆ ಶೂಟಿಂಗೂ ಆಗಿತ್ತು.”

“ಆಗಿದ್ರೆ ಏನಂತೆ, ಯಾರು ನೋಡಿದಾರೆ? ಬೇರೆಯವರ ತಲೆಗೆ ಕಟ್ಟು. ಧಾರಾವಾಹೀಲಿ ಆ ಶಾಲೆ ಗೇಟ್ ಕಾಯೋನು ಇದ್ನಲ್ಲ, ಅವನೇ ಹೇಳಿದ್ದು ಅನ್ನು. ಅವನ ಮುಖನೂ ಹಂಗೇ ಇತ್ತು.”

“ಅಜ್ಜಿ, ಅವನು ಪಾಪ ಒಂದು ಮಾತೂ ಆಡಲ್ಲ.”

“ಆಡ್ದೆ ಇರೋರೇ ಹೇಳೋದು. ನಾಳೆ ನಾನೇ ಶೆದ್ಲಿಯಾಗೆ ಹೇಳ್ತೀನಿ. ಎಲ್ಲ ಸರಿಹೋಗುತ್ತೆ, ಅಬೀರೂ ಬರ್ತಾಳೆ.”

ಸಿರೀನ್ ನನ್ನ ಕೈಯಿಂದ ಜರಡಿ ತೆಗೆದು ಕೆಳಗಿಟ್ಟಳು. “ಆ ಒಂದು ಸೀನಿಗೋಸ್ಕರವೇ ನಾನು ದೊರ್ರಾ ಆಗೋಕೆ ಒಪ್ಕೊಂಡಿದ್ದು. ಮೊದಲು ನಂಗೆ ಒಳ್ಳೆ ಹುಡುಗಿ ಪಾರ್ಟೇ ಕೊಟ್ಟಿದ್ರು, ಗೊತ್ತಾ? ನಾನೇ ಇದನ್ನ ಕೇಳಿ ತಗೊಂಡೆ. ಟಿವಿಯವರು ಅದನ್ನ ಹೊರಗೆ ಬಿಡ್ಲಿಲ್ಲ, ಸರಿ. ನೀನೂ ಬಂದು ಅದನ್ನ ಸುಳ್ಳು ಮಾಡಿಬಿಟ್ರೆ ನಾನು ಮಾಡಿದ್ದು ಎಲ್ಲಿ ಉಳೀತು?”

“ಸೀನು ಮುಖ್ಯನೋ, ಅಬೀರ್ ಮುಖ್ಯನೋ?”

ಅವಳು ಜರಡಿಯನ್ನು ವಾಪಸ್ ನನ್ನ ಕೈಗಿಟ್ಟು ಹೋದಳು. ಹಟ ನಮ್ಮ ಮನೆತನದ್ದೇ, ಹೊರಗಿನಿಂದ ಬಂದದ್ದಲ್ಲ.

ಹಬ್ಬ ಹತ್ತಿರ ಬಂದಾಗ ನಮ್ಮಲ್ಲಿ ಯಾರೂ ಮನೆಯಲ್ಲಿ ಸಿಹಿ ಬೇಯಿಸುವುದಿಲ್ಲ. ತಟ್ಟೆಗಳಲ್ಲಿ ಜೋಡಿಸಿಕೊಂಡು ಬೀದಿಯ ರೊಟ್ಟಿ ಒಲೆಗೆ ಒಯ್ಯುತ್ತೇವೆ. ತೈಯೆಬನ ಒಲೆಯ ಮುಂದೆ ಅವತ್ತು ಕೇರಿಯ ಹೆಂಗಸರೆಲ್ಲ ಸಾಲುಗಟ್ಟಿದ್ದರು. ಎಲ್ಲರ ಹೊಟ್ಟೆ ಖಾಲಿ, ಎಲ್ಲರ ಮೂಗಿಗೆ ಬೆಣ್ಣೆಯ ವಾಸನೆ, ಎಲ್ಲರಿಗೂ ಸಿಟ್ಟು.

“ಯಾವಾಗ ಆಗುತ್ತೆ ಅಂತ ನನ್ನ ಕೇಳ್ಬೇಡಿ,” ತೈಯೆಬ್ ಗೊಣಗುತ್ತಿದ್ದ. “ಬೆಂಕೀನ ಕೇಳಿ.”

ನಮ್ಮ ಮುಂದೆಯೇ ಶೆದ್ಲಿಯಾ, ಪಕ್ಕದಲ್ಲಿ ಅಬೀರ್. ನಾನೂ ಸಿರೀನೂ ತಟ್ಟೆಗಳನ್ನು ಕಟ್ಟೆಯ ಮೇಲಿಟ್ಟ ಕೂಡಲೇ ಶೆದ್ಲಿಯಾ ತನ್ನವನ್ನು ಅತ್ತ ಸರಿಸಿದಳು. ಕಡಲೆಹಿಟ್ಟಿನ ಘ್ರೈಬಾ ಉಂಡೆಗಳು ಕೂಡ ಒಂದರ ಚಾಡಿ ಒಂದು ಹೇಳಿಬಿಡುತ್ತವೆ ಅನ್ನುವ ಹಾಗೆ. ಅಬೀರ್ ನೆಲ ನೋಡುತ್ತ ನಿಂತಿದ್ದಳು. ಸಿರೀನಳ ಕಿವಿ ಕೆಂಪಾಯಿತು.

ತೈಯೆಬ್ ಉದ್ದನೆಯ ಮರದ ಸಲಿಕೆಯನ್ನು ಒಲೆಯೊಳಗೆ ತೂರುತ್ತ ತಮಾಷೆಗೆ ಕೇಳಿದ, “ಏನಮ್ಮಾ ದೊರ್ರಾ, ಕಡೆಗೂ ಹೇಳಿದ್ದು ನೀನೋ ಅಲ್ವೋ? ನನ್ನ ಹೆಂಡ್ತಿ ದಿನಾ ನನ್ನ ತಲೆ ತಿಂತಿದ್ದಾಳೆ.”

ಇದೇ ಸಮಯ ಅಂತ ನಾನು ಗಂಟಲು ಸರಿಮಾಡಿಕೊಂಡೆ. “ಅಯ್ಯೋ, ಅವಳೆಲ್ಲಿ ಹೇಳ್ತಾಳೆ, ಆ ಗೇಟು ಕಾಯೋ...”

“ನಾನೇ, ತೈಯೆಬ್ ಮಾಮ,” ಅಂದಳು ಸಿರೀನ್. “ದೊರ್ರಾನೇ ಹೇಳಿದ್ದು.”

ಶೆದ್ಲಿಯಾ ಯಾರನ್ನೂ ನೋಡದೆ, “ನಂಗೆ ಅವತ್ತೇ ಗೊತ್ತಾಗಿತ್ತು,” ಅಂದಳು.

“ಮುಂದೇನಾಗುತ್ತೆ ಅಂತ ಗೊತ್ತಾ ಚಿಕ್ಕಮ್ಮ?”

“ಮುಂದೇನೂ ಇಲ್ಲ. ಟಿವಿಯವರು ನಿಲ್ಸಿದಾರೆ.”

“ಅವರು ನಿಲ್ಸಿದಾರೆ. ನಾನು ನಿಲ್ಸಿಲ್ಲ.”

ಸಿರೀನ್ ತಲೆಯ ಮೇಲಿನ ವಸ್ತ್ರ ಸರಿಮಾಡಿಕೊಂಡು ಹಿಟ್ಟಿನ ಮೂಟೆಗಳ ಮುಂದೆ ಹೋಗಿ ನಿಂತಳು. ಒಂದು ಸಲ ಉಸಿರೆಳೆದಳು, ಅಷ್ಟೇ. ಅವಳ ಭುಜ ಇಳಿಯಿತು, ಕತ್ತು ಬೇರೆಯಾಯಿತು. ನಾನು ಸಾಕಿದ ಮಗು ಎಲ್ಲೋ ಹೋಗಿ ಆ ಜಾಗದಲ್ಲಿ ಇನ್ನೊಬ್ಬಳು ಬಂದು ನಿಂತಿದ್ದಳು. ಅವಳು ನೇರವಾಗಿ ಅಬೀರಳನ್ನೇ ನೋಡಿದಳು.

“ಲುಬ್ನಾ, ಇನ್ನು ಹುಡುಕ್ಬೇಡ. ನಾನು ಹೇಳ್ದೆ. ನಿಮ್ಮಪ್ಪ ನನ್ನ ಕೇಳಿರ್ಲಿಲ್ಲ, ಯಾರೂ ನನ್ನ ಹೆದರಿಸಿರ್ಲಿಲ್ಲ. ಅವರ ಅಂಗಡಿಗೆ ನಾನೇ ನಡ್ಕೊಂಡು ಹೋದೆ. ಬಾಗಿಲಲ್ಲಿ ವಾಪಸ್ ತಿರುಗಬಹುದಿತ್ತು, ತಿರುಗ್ಲಿಲ್ಲ. ನೀನು ಅವನ ಜೊತೆ ಇದ್ದಾಗ ನನ್ನ ಮರೀತಿದ್ದೆ, ಅಷ್ಟೇ ಕಾರಣ. ಇಷ್ಟು ಸಣ್ಣದು ಅಂತ ಹೇಳೋಕೇ ನಾಚಿಕೆ ಆಗುತ್ತೆ. ಆಮೇಲೆ ನಿಮ್ಮನೆಗೆ ಬಂದು, ನಿಮ್ಮಮ್ಮ ಕೊಟ್ಟಿದ್ದು ತಿಂದು, ಯಾರು ಹೇಳಿರಬಹುದು ಅಂತ ನಿನ್ನ ಜೊತೆಗೇ ಯೋಚ್ನೆ ಮಾಡ್ದೆ. ನೀನು ಎಲ್ರ ಮೇಲೂ ಅನುಮಾನ ಪಡೋದನ್ನ ನೋಡ್ತಾ ಕೂತಿದ್ದೆ. ಹೇಳಿದ್ದಕ್ಕಿಂತ ಅದು ದೊಡ್ಡ ತಪ್ಪು. ಇನ್ಮೇಲೆ ಬೇರೆ ಯಾರ ಮುಖನೂ ನೋಡ್ಬೇಡ. ನನ್ನ ಮುಖ ನೋಡು.”

ಮುಂದಿನ ಮಾತು ಲುಬ್ನಾಳದು. ಅಬೀರ್ ಅಮ್ಮನ ಕಡೆ ನೋಡಲಿಲ್ಲ. ಬರೆದಿದ್ದ ಹಾಗೇ, ಒಂದು ಚೂರೂ ಮೆತ್ತಗೆ ಮಾಡದೆ ಹೇಳಿದಳು, “ಹೋಗು. ಈ ಮನೇಲಿ ಇನ್ಮೇಲೆ ನಿನ್ನ ಹೆಸರು ಯಾರೂ ಎತ್ತಬಾರದು.”

“ಸರಿ,” ಅಂದಳು ದೊರ್ರಾ. ಅಳಲಿಲ್ಲ, ಕೈ ಮುಗಿಯಲಿಲ್ಲ, ಕ್ಷಮಿಸು ಅನ್ನಲಿಲ್ಲ. ತಿರುಗಿ ನಾಲ್ಕು ಹೆಜ್ಜೆ ನಡೆದು ಗೋಡೆಯವರೆಗೆ ಹೋದಳು. ಅಲ್ಲಿಂದ ವಾಪಸ್ ಬಂದವಳು ಸಿರೀನ್, ತೋಳಿನಿಂದ ಮುಖ ಒರೆಸಿಕೊಳ್ಳುತ್ತ. “ಅಷ್ಟೇ. ಆಮೇಲೆ ಸೇತುವೆ ಎತ್ತುತ್ತಾರೆ, ಸಂಗೀತ ಬರುತ್ತೆ.”

ತೈಯೆಬನ ಸಲಿಕೆ ಒಲೆಯ ಬಾಯಲ್ಲೇ ನಿಂತಿತ್ತು. ಸೀದ ವಾಸನೆ ಬಂದಾಗ ಅವನಿಗೆ ಎಚ್ಚರವಾಯಿತು. ತಟ್ಟೆ ಕಾಫಿ ಅಂಗಡಿಯವನ ಹೆಂಡತಿಯದು, ಬಾಯಿಗೆ ಹೆಸರಾದವಳು. ಅವಳೂ ಒಂದು ಮಾತಾಡಲಿಲ್ಲ.

ಶೆದ್ಲಿಯಾ ಹಿಟ್ಟಿನ ಮೂಟೆಯ ಮೇಲೆ ಕೂತುಬಿಟ್ಟಿದ್ದಳು. ಅಲ್ಲಿಂದಲೇ ಕೇಳಿದಳು, “ಹೀಗೆ ಬಂದು ನಿಂತು ಹೇಳೋಕೆ ಆಗುತ್ತಾ ಯಾರಿಗಾದ್ರೂ?”

“ಕಷ್ಟ ಚಿಕ್ಕಮ್ಮ. ಸುಳ್ಳು ಸುಳ್ಳೇ ಹೇಳೋಕೆ ನಾನು ಚಳಿಗಾಲ ಪೂರ್ತಿ ಒದ್ದಾಡಿದೀನಿ.”

“ನಮ್ಮ ನಬೀಲನ ವಿಷಯದಲ್ಲಿ ಒಬ್ರು ಹೀಗೆ ಬಂದು ನಿಂತಿದ್ರೆ,” ಅಂದಳು ಶೆದ್ಲಿಯಾ, “ನಾನೂ ಬಾಗಿಲು ಹಾಕ್ತಿದ್ದೆ. ಮುಖಕ್ಕೆ ಉಗೀತಿದ್ದೆ. ಆದ್ರೆ ಅವತ್ತಿಂದ ಬೀದೀಲಿರೋ ಉಳಿದವರನ್ನೆಲ್ಲ ನೆಮ್ಮದಿಯಾಗಿ ನೋಡ್ತಿದ್ದೆ.”

ಸಾಲಿನಲ್ಲಿದ್ದ ನಮ್ಮಲ್ಲಿ ಪ್ರತಿಯೊಬ್ಬರನ್ನೂ ಅವಳು ಅಷ್ಟು ವರ್ಷ ಹಾಗೆ ನೋಡಿದ್ದಳು, ನನ್ನನ್ನೂ ಸೇರಿಸಿ. ಅದು ನಮಗೆ ಗೊತ್ತಿತ್ತು, ಗೊತ್ತಿಲ್ಲದವರ ಹಾಗೆ ಇದ್ದೆವು. ಆ ಮಾತನ್ನು ಅವಳ ಬಾಯಿಂದ ಹೊರಡಿಸಲು ದೊಡ್ಡವರಾದ ನಮ್ಮ ಯಾರ ಕೈಲೂ ಆಗಿರಲಿಲ್ಲ. ಹದಿನಾರರ ಹುಡುಗಿ, ಖಾಲಿ ಹೊಟ್ಟೆಯಲ್ಲಿ, ಒಲೆಯ ಮುಂದೆ ನಿಂತು ಹೊರಡಿಸಿದಳು. ದೊರ್ರಾಳ ಆ ತಪ್ಪನ್ನೇ ನಾನು ಗೇಟು ಕಾಯುವವನಿಗೆ ದಾನ ಮಾಡಲು ಹೊರಟಿದ್ದೆ. ನನಗೆ ಎದೆ ಉಬ್ಬಿ ಬಂತು.

ಶೆದ್ಲಿಯಾ ಕಣ್ಣೊರೆಸಿಕೊಂಡು ಎದ್ದಳು. “ಆ ದೊರ್ರಾನ ಮಾತ್ರ ನಾನು ಕ್ಷಮಿಸಲ್ಲ. ಅದನ್ನ ಈಗ್ಲೇ ಹೇಳಿರ್ತೀನಿ.”

“ಕ್ಷಮಿಸ್ಬೇಡಿ ಚಿಕ್ಕಮ್ಮ,” ಸಿರೀನಳ ಮುಖ ಅರಳಿತು. “ಕ್ಷಮಿಸಿಬಿಟ್ರೆ ನಾನು ಸರಿಯಾಗಿ ಮಾಡಿಲ್ಲ ಅಂತ.”

“ನೀನು ಸಂಜೆ ನಮ್ಮನೇಲೇ ಉಪವಾಸ ಬಿಡು. ಅಬೀರ್, ಏನು ಕಂಬದ ಹಂಗೆ ನಿಂತಿದ್ದೀಯ, ಅವಳ ತಟ್ಟೆ ಆ ಕಡೆ ಹಿಡ್ಕೊ.”

ಹುಡುಗಿಯರು ತಟ್ಟೆ ಹಿಡಿದುಕೊಂಡು ಒಲೆಯ ಹತ್ತಿರ ಹೋದರು, ಆಗಲೇ ಏನೋ ಪಿಸುಗುಟ್ಟಿಕೊಂಡು ನಗುತ್ತಿದ್ದರು. ಸಾಲಿನ ಕೊನೆಗೆ ಆಗಷ್ಟೇ ಬಂದು ಸೇರಿದ ಸೇತುವೆಯಾಚೆಯ ಹೆಂಗಸೊಬ್ಬಳು ಎಲ್ಲರ ಒದ್ದೆ ಕಣ್ಣು ನೋಡಿ ಗಾಬರಿಯಾಗಿ, “ಏನಾಯ್ತು? ಆ ಹುಡುಗಿ ಯಾರು?” ಅಂತ ಕೇಳಿದಳು.

ಇಂಥ ಪ್ರಶ್ನೆಗೆಂದೇ ನಾನು ಆ ತಿಂಗಳೆಲ್ಲ ಬದುಕಿದ್ದವಳು. ಉತ್ತರ ನಾಲಿಗೆಯ ತುದಿಯಲ್ಲೇ ಇತ್ತು. ಅಷ್ಟರಲ್ಲಿ ಶೆದ್ಲಿಯಾ ತಿರುಗಿ ನಿಂತು, “ಗೊತ್ತಿಲ್ವಾ ನಿಮಗೆ? ಟಿವೀಲಿ ಬರ್ತಿದ್ಲಲ್ಲ ರೀ, ನಮ್ಮ ಹುಡುಗಿ,” ಅಂದಳು.

ನಾನು ಬಾಯಿ ಮುಚ್ಚಿಕೊಂಡೆ. ಅವಳೇ ಪೂರ್ತಿ ಹೇಳಲಿ ಅಂತ ಬಿಟ್ಟೆ.