ಟೇಪು ಸುತ್ತಿದ ರಾಡು

ಅತ್ತೆ ಟವಲು ಹೆಗಲಿಗೆ ಹಾಕಿಕೊಂಡು ಮಹಡಿ ಮೆಟ್ಟಿಲು ಹತ್ತುವುದನ್ನು ಕಂಡರೆ ಸಾಕು, ದೊಡ್ಡ ಸೊಸೆಯ ಹೊಟ್ಟೆಯೊಳಗೆ ಕೆಂಡ ಸುರಿದಂತಾಗುತ್ತಿತ್ತು. ಒಂದು ದಿನವಲ್ಲ ಎರಡು ದಿನವಲ್ಲ, ತಿಂಗಳಿಂದ ಇದೇ ಕಥೆ. ಇರುವುದು ಕೆಳಗೆ ಇವಳ ಮನೆಯಲ್ಲಿ, ಊಟ ಇವಳ ಕೈಯಡುಗೆ, ಸ್ನಾನ ಮಾತ್ರ ಮೇಲೆ ಆ ಚಿಕ್ಕ ಸೊಸೆಯ ಮನೆಯಲ್ಲಿ! ಹೋದವರು ಹತ್ತು ನಿಮಿಷಕ್ಕೆ ಇಳಿದು ಬರುತ್ತಾರೆಯೇ? ಅದೂ ಇಲ್ಲ. ಗಂಟೆಗಟ್ಟಲೆ ನಗು, ಹರಟೆ. ಇವತ್ತು ಸ್ನಾನ, ನಾಳೆ ಊಟ, ನಾಡಿದ್ದು ಹಾಸಿಗೆ ಸುತ್ತಿಕೊಂಡು ಅಲ್ಲಿಗೇ ಹೊರಟುಬಿಟ್ಟರೆ? ಹದಿನಾಲ್ಕು ವರ್ಷ ಜೊತೆಗಿದ್ದ ಅತ್ತೆಯನ್ನು ನಿನ್ನೆ ಮೊನ್ನೆ ಬಂದವಳು ಹಾರಿಸಿಕೊಂಡು ಹೋಗುವುದೆಂದರೆ ಯಾರಿಗೆ ತಾನೇ ತಡೆದೀತು?

ಯಾಕೆ ಎಂದು ಕೇಳಿದ್ದಕ್ಕೆ ಅತ್ತೆ ನಲ್ಲಿ ತಿರುಗಿಸಿ ತೋರಿಸಿದ್ದರು. ಬಿಸಿನೀರು ಕೆಂಪಗೆ, ತುಕ್ಕಿನ ವಾಸನೆ ಹೊತ್ತುಕೊಂಡು ಬರುತ್ತಿತ್ತು. ಇವಳಿಗೆ ಅರ್ಥವೇ ಆಗಲಿಲ್ಲ. ಎರಡು ಗೀಸರೂ ಒಂದೇ ಅಂಗಡಿಯವು, ಒಂದೇ ದಿನ ಗೋಡೆ ಏರಿದವು. ಅದರಲ್ಲೂ ಸಾಮಾನು ಜೋಪಾನ ಮಾಡುವುದರಲ್ಲಿ ಇವಳದು ಎತ್ತಿದ ಕೈ.

ಗೀಸರಿನ ಟ್ಯಾಂಕಿನೊಳಗೆ ಬೆರಳು ದಪ್ಪದ ಒಂದು ರಾಡಿರುತ್ತದೆ. ನೀರು ಕಾಯಿಸುವ ರಾಡು ಬೇರೆ, ಇದು ಬೇರೆ. ಮೂರು ವರ್ಷದ ಹಿಂದೆ ಮೇಲಿನ ಮನೆಯ ಗೀಸರು ಬಿಚ್ಚಿದಾಗ ಆ ರಾಡು ಇಲಿ ಕಡಿದ ಹಾಗೆ ಸವೆದುಹೋಗಿತ್ತು. ಚಿಕ್ಕವಳಿಗೆ ಒಂದು ಸಾಮಾನು ಇಟ್ಟುಕೊಳ್ಳಲೂ ಬರುವುದಿಲ್ಲ ಎಂದು ಅತ್ತೆಯ ಮುಂದೆ ಮೂಗು ಮುರಿದಳು ಇವಳು. ಕೆಳಗೆ ಬಂದವಳೇ ಗಂಡನ ಕೈಲಿ ತನ್ನ ರಾಡನ್ನೂ ಬಿಚ್ಚಿಸಿ, ಹೊಸದು ತರಿಸಿ, ಬುಡದಿಂದ ತುದಿವರೆಗೆ ಕರಿ ಟೇಪು ಬಿಗಿಯಾಗಿ ಸುತ್ತಿ ಹಾಕಿಸಿದಳು. ಈಗ ಅದು ಹೇಗೆ ಸವೆಯುತ್ತದೋ ನೋಡೇಬಿಡೋಣ! ಆಮೇಲೆ ಚಿಕ್ಕವಳು ಎರಡು ಸಲ ರಾಡು ಬದಲಿಸಿದಳು, ಇವಳು ಒಂದು ಸಲವೂ ಇಲ್ಲ. ಅದನ್ನು ಹೇಳಿಕೊಂಡು ತಿರುಗಿದ್ದೇ ತಿರುಗಿದ್ದು.

ಕೊನೆಗೆ ರಿಪೇರಿಯವನನ್ನು ಕರೆಸಿದಳು. ಅವನು ರಾಡು ಹೊರಗೆಳೆದು ಟೇಪು ಸುಲಿದ. ಒಳಗೆ ಒಂದು ಗೀರೂ ಇರಲಿಲ್ಲ. ಇವಳು ಗೆದ್ದವಳಂತೆ ಸೊಂಟದ ಮೇಲೆ ಕೈಯಿಟ್ಟು ನಿಂತಳು. ಅವನು ಟ್ಯಾಂಕಿನೊಳಗೆ ಟಾರ್ಚು ಬಿಟ್ಟು ನೋಡಿ ತಲೆ ಕೆರೆದುಕೊಂಡ.

"ಅಕ್ಕಾ, ಇದು ಇರೋದೇ ಸವೆಯೋಕೆ. ಇದನ್ನ ತಿಂತಾ ಇದ್ರೆ ನೀರು ಟ್ಯಾಂಕಿನ ತಂಟೆಗೆ ಹೋಗಲ್ಲ. ನೀವು ಇದನ್ನ ಮುಚ್ಚಿಟ್ರಿ, ಅದು ಟ್ಯಾಂಕನ್ನೇ ತಿಂದುಹಾಕ್ತು."

ತಳವೆಲ್ಲ ತೂತು ಬೀಳುವ ಹಾಗಾಗಿತ್ತು. ಗೀಸರನ್ನೇ ಬದಲಿಸಬೇಕಾಯಿತು. ಇಷ್ಟು ವರ್ಷ ಆಡಿಕೊಂಡಿದ್ದೆಲ್ಲ ನೆನಪಾಗಿ ಇವಳ ಮುಖ ಇಂಗು ತಿಂದ ಮಂಗನಂತಾಯಿತು. ಆದರೂ ಒಂದು ಸಮಾಧಾನ: ಇನ್ನು ಅತ್ತೆ ಮೇಲೆ ಹೋಗಲು ನೆಪವೇ ಇಲ್ಲವಲ್ಲ.

ಮರುದಿನ ಬೆಳಿಗ್ಗೆ ಹೊಸ ಗೀಸರಿನಿಂದ ಬಕೆಟ್ಟು ತುಂಬಿಸಿ ಅತ್ತೆಯನ್ನು ಕರೆದಳು. ಅತ್ತೆ ಬೆರಳು ಅದ್ದಿ, ನೀರು ಚೆನ್ನಾಗಿದೆ ಎಂದರು. ಎಂದವರೇ ಟವಲು ತೆಗೆದುಕೊಂಡು ಮೆಟ್ಟಿಲ ಕಡೆ ನಡೆದರು.

ಇವಳು ಓಡಿಹೋಗಿ ಅಡ್ಡ ನಿಂತಳು. "ಇನ್ನೇನತ್ತೆ ಕಮ್ಮಿಯಾಗಿದೆ ನನ್ನ ಮನೇಲಿ?"

"ಬರೀ ನೀರಿಗಲ್ಲಮ್ಮ. ನನ್ನ ಕೈ ಈಗ ಬೆನ್ನಿಗೆ ಎಟಕಲ್ಲ. ಅವಳು ಉಜ್ಜಿಕೊಡ್ತಾಳೆ."

"ನನಗೊಂದು ಮಾತು ಹೇಳಬಾರದಿತ್ತಾ?"

"ಹೇಳಿದ್ದೆ ಕಣೇ. ನೀನೇ ಬಟ್ಟೆ ಒದ್ದೆಯಾಗುತ್ತೆ ಅಂದಿದ್ದೆ."

ಅಂದಿದ್ದಳು. ಈಗ ನೆನಪಾಯಿತು. ಅತ್ತೆಯ ದನಿಯಲ್ಲಿ ಸಿಟ್ಟಿರಲಿಲ್ಲ. ಸ್ವಲ್ಪ ಪಕ್ಕಕ್ಕೆ ಸರಿ ಎನ್ನುವಂತೆ ಅವಳ ಭುಜ ಮುಟ್ಟಿ, ಮೆಟ್ಟಿಲ ಕಂಬಿ ಹಿಡಿದು ನಿಧಾನವಾಗಿ ಹತ್ತಿದರು. ಮೇಲೆ ಚಿಕ್ಕವಳು ಬಾಗಿಲು ತೆರೆದಳು. ತೋಳು ಮೊಣಕೈಯವರೆಗೆ ಆಗಲೇ ಒದ್ದೆಯಾಗಿತ್ತು. ಆ ಒದ್ದೆ ತೋಳು ನೋಡಿ ದೊಡ್ಡವಳಿಗೆ ಹಿಂದೆಂದೂ ಇಲ್ಲದಷ್ಟು ಹೊಟ್ಟೆ ಉರಿಯಿತು.