ದೋಣಿಯಲ್ಲಿ ಕೇಳಿದ ಮಾತು

"ನಿಮಗ ಕನ್ನಡ ಬರತೈತೇನ್ರಿ?" ಎಂದು ಮುದುಕಿ ಮೂರನೆಯ ಸಲ ಕೇಳಿದಾಗ ಸೀತಾಲಕ್ಷ್ಮಿ ವ್ಯಾನಿನ ಕಿಟಕಿಯಿಂದ ಮುಖ ತಿರುಗಿಸಿ, ತುಟಿಯನ್ನು ಇಷ್ಟೇ ಇಷ್ಟು ಅಗಲಿಸಿ, "ಸಾರಿ, ನೋ ಕನ್ನಡ" ಎಂದುಬಿಟ್ಟಳು.

ಮಾತು ಬಾಯಿಂದ ಬಿದ್ದ ಮೇಲೆ ಅವಳಿಗೇ ದಿಗಿಲಾಯಿತು. ಬಸವನಗುಡಿಯಲ್ಲಿ ಹುಟ್ಟಿ, ಜಯನಗರ ನಾಲ್ಕನೇ ಟಿ ಬ್ಲಾಕಿಗೆ ಸೊಸೆಯಾಗಿ ಬಂದು, ಐವತ್ತೇಳು ವರ್ಷ ಹಾಲಿನವನಿಂದ ಹಿಡಿದು ದೇವರವರೆಗೆ ಎಲ್ಲರ ಹತ್ತಿರವೂ ಕನ್ನಡದಲ್ಲೇ ಜಗಳವಾಡಿದ ಹೆಂಗಸು ಅವಳು. ಆದರೆ ಪಕ್ಕದ ಸೀಟಿನ ದಿಲ್ಲಿಯ ಹೆಂಗಸು ಈಗತಾನೇ ಮೂಗಿಗೆ ಕರವಸ್ತ್ರ ಹಿಡಿದು, ಮುದುಕಿಯ ಕಡೆ ಕಣ್ಣು ಹಾಯಿಸಿ, ಅವರು ನಿಮ್ಮ ಕಡೆಯವರಾ ಎಂದು ಇಂಗ್ಲಿಷಿನಲ್ಲಿ ಕೇಳಿದ್ದಳು. ಇಲ್ಲಪ್ಪ, ಅವರ ಭಾಷೆಯೇ ಬೇರೆ ಎಂದು ಸೀತಾಲಕ್ಷ್ಮಿ ಹೇಳಿ ಎರಡು ನಿಮಿಷವೂ ಆಗಿರಲಿಲ್ಲ. ಒಂದು ಸುಳ್ಳಿಗೆ ಇನ್ನೊಂದರ ಆಸರೆ ಬೇಕಾಯಿತು, ಅಷ್ಟೆ.

ಅದು ಎರಡು ಸಾವಿರದ ಎರಡನೇ ಇಸವಿ. ಸಿಂಗಪುರದಿಂದ ಹೊರಟ ಪ್ರವಾಸಿ ಹಡಗು ಆ ಬೆಳಿಗ್ಗೆ ಲಂಕಾವಿ ದ್ವೀಪದಲ್ಲಿ ನಿಂತಿತ್ತು. ಇಳಿದವರನ್ನು ಎಂಟೆಂಟು ಜನರ ಗುಂಪು ಮಾಡಿ, ಗುಂಪಿಗೊಂದು ವ್ಯಾನು, ಒಬ್ಬ ಗೈಡು ಕೊಟ್ಟಿದ್ದರು. ಕಾಡು, ಗುಹೆ, ಹದ್ದು, ಜಲಪಾತ ಎಲ್ಲ ತೋರಿಸಿ ಸಂಜೆ ಐದಕ್ಕೆ ಹಡಗಿಗೆ ಮರಳಿಸುವ ಏರ್ಪಾಡು. ಎಂಟನೆಯವರಾಗಬೇಕಿದ್ದ ಅವಳ ಗಂಡ ರಾಮಪ್ರಸಾದರು, ವಿಮಾ ಕಚೇರಿಯಿಂದ ನಿವೃತ್ತರಾದವರು, ರಾತ್ರಿಯಿಡೀ ವಾಂತಿ ಮಾಡಿಕೊಂಡು ಕೋಣೆಯಲ್ಲೇ ಮಲಗಿದ್ದರು. "ನೀನಾದ್ರೂ ಹೋಗ್ಬಾರೆ, ಹೆಸರು ಬರೆಸಿ ಆಗಿದೆ" ಎಂದು ಕಳಿಸಿದ್ದರು. ಮಗಳು ವಿಭಾ ಜಯನಗರ ಕಾಂಪ್ಲೆಕ್ಸಿನಲ್ಲಿ ಕೊಡಿಸಿದ ಸಲ್ವಾರ್ ಕಮೀಜನ್ನು ಜೀವಮಾನದಲ್ಲಿ ಮೊದಲ ಸಲ ತೊಟ್ಟು ಸೀತಾಲಕ್ಷ್ಮಿ ಒಬ್ಬಳೇ ಇಳಿದಿದ್ದಳು. ಸೀರೆಯಿಲ್ಲದೆ ಮೈ ಹಗುರವಾಗಿತ್ತು, ತಲೆಯೂ ಸ್ವಲ್ಪ ಹಗುರವಾಗಿತ್ತು ಎನ್ನಬೇಕು.

ಮುದುಕಿಯ ಹೆಸರು ದುಂಡವ್ವ. ಇಳಕಲ್ ಸೀರೆ, ಹಣೆಗೆ ವಿಭೂತಿ, ತೊಡೆಯ ಮೇಲೆ ಬಟ್ಟೆಯ ಬುತ್ತಿಗಂಟು. ಅದರಿಂದಲೇ ಬೆಳ್ಳುಳ್ಳಿಯ ವಾಸನೆ. ಜೊತೆಗಿದ್ದವನು ಅವಳ ಮಗ ಗುರುಸಿದ್ದ. ಬಿಟಿಎಂ ಲೇಔಟಿನಲ್ಲಿ ಖಾನಾವಳಿ ನಡೆಸುವವನು. ಅಡುಗೆ ಎಣ್ಣೆಯ ಕಂಪನಿ ತನ್ನ ಗಿರಾಕಿಗಳ ಚೀಟಿ ಎತ್ತಿದಾಗ ಇವನ ಹೆಸರು ಬಂದು, ಇಬ್ಬರಿಗೆ ಹಡಗಿನ ಪ್ರಯಾಣ ಸಿಕ್ಕಿತ್ತು. ಇದನ್ನೆಲ್ಲ ಅವನು ತನ್ನ ಮುರುಕು ಇಂಗ್ಲಿಷಿನಲ್ಲಿ ವ್ಯಾನಿಗೆಲ್ಲ ಕೇಳುವಂತೆ ಹೇಳಿಕೊಂಡಿದ್ದ. ಗೈಡ್ ಹುಡುಗಿ ಊರು ಕೇಳಿದಾಗ ಸೀತಾಲಕ್ಷ್ಮಿ ಮಾತ್ರ "ಇಂಡಿಯಾ" ಎಂದು ಚುಟುಕಾಗಿ ಮುಗಿಸಿದ್ದಳು.

"ಬರಂಗಿಲ್ಲಂತಪ್ಪ, ಪಾಪ" ಎಂದು ದುಂಡವ್ವ ಮಗನಿಗೆ ಹೇಳಿದಳು. ಅಲ್ಲಿಗೆ ಪೀಡೆ ಕಳೆಯಿತು ಎಂದುಕೊಂಡಳು ಸೀತಾಲಕ್ಷ್ಮಿ. ಕಳೆಯಲಿಲ್ಲ. ಮುದುಕಿಗೆ ಉತ್ತರವೇ ಬೇಕಿರಲಿಲ್ಲ, ಕೇಳಿಸಿಕೊಳ್ಳಲು ಒಂದು ಹೆಣ್ಣುಮುಖ ಸಾಕಾಗಿತ್ತು. ಗುಹೆಯಲ್ಲಿ ಜೋತುಬಿದ್ದ ಬಾವಲಿಗಳನ್ನು ತೋರಿಸಿ, "ನಮ್ಮೂರ ಗುಡಿಯಾಗ ಇದರಪ್ಪನಂಥಾವು ಅದಾವ" ಎಂದಳು. ಮೆಟ್ಟಿಲು ಜಾರುವ ಕಡೆ ಸೀತಾಲಕ್ಷ್ಮಿಯ ಮೊಣಕೈ ಹಿಡಿದು, "ಸಾವಕಾಶ ಇಳಿಯವ್ವ" ಎಂದಳು. ಸೀತಾಲಕ್ಷ್ಮಿ ಪ್ರತಿ ಮಾತಿಗೂ ಗೊಂಬೆಯ ಹಾಗೆ ನಕ್ಕಳು. ನಗಬಾರದ ಕಡೆ ನಗು ಬಂದರೆ ಏನು ಗತಿ ಎಂಬ ಹೆದರಿಕೆಯೂ ಇತ್ತು, ಏಕೆಂದರೆ ಮುದುಕಿ ನಿಜಕ್ಕೂ ತಮಾಷೆಯಾಗಿ ಮಾತಾಡುತ್ತಿದ್ದಳು.

ಮಧ್ಯಾಹ್ನ ಗೈಡು ಹಂಚಿದ ಡಬ್ಬಿಯಲ್ಲಿ ನೂಡಲ್ಸಿನ ನಡುವೆ ಸೀಗಡಿ ಸುರುಟಿಕೊಂಡು ಮಲಗಿತ್ತು. ಸೀತಾಲಕ್ಷ್ಮಿ ಮುಚ್ಚಳ ಮುಚ್ಚಿ ದೂರ ಇಟ್ಟಳು. ದುಂಡವ್ವ ಗಂಟು ಬಿಚ್ಚಿ, ಎರಡು ಖಡಕ್ ರೊಟ್ಟಿ, ಮೇಲೊಂದಿಷ್ಟು ಶೇಂಗಾ ಚಟ್ನಿಪುಡಿ ಹಾಕಿ ಅವಳ ಕೈಗಿಟ್ಟಳು. ಮನೆಯಲ್ಲಿ ಬೆಳ್ಳುಳ್ಳಿಯನ್ನು ಒಲೆಯ ಹತ್ತಿರವೂ ಬಿಡದ ಸೀತಾಲಕ್ಷ್ಮಿ ಪುಡಿಯ ಕೊನೆಯ ಕಣವನ್ನೂ ಬಿಡದೆ ತಿಂದು "ಥ್ಯಾಂಕ್ಯೂ" ಎಂದಳು. ಆಗಲೇ ಹೇಳಿಬಿಡಬಹುದಿತ್ತು. ದಿಲ್ಲಿಯ ಹೆಂಗಸು ಎದುರಿಗೇ ಕೂತಿದ್ದಳು.

ಊಟವಾದ ಮೇಲೆ ಉಪ್ಪುನೀರಿನ ಕಾಡಿನೊಳಗೆ ದೋಣಿಯಲ್ಲಿ ಹೋಗುವುದಿತ್ತು. ಸಣ್ಣ ಮೋಟಾರು ದೋಣಿಗಳು. ಗಂಡಸರೊಂದು ಕಡೆ ಹೆಂಗಸರೊಂದು ಕಡೆ ಎಂದು ಯಾರೂ ಹೇಳದಿದ್ದರೂ, ತೂಕ ಸರಿದೂಗಿಸುವ ಗಲಾಟೆಯಲ್ಲಿ ಗುರುಸಿದ್ದ, ದಿಲ್ಲಿಯವಳ ಗಂಡ, ಆಸ್ಟ್ರೇಲಿಯಾದ ದಂಪತಿ ಮುಂದಿನ ದೋಣಿಗೆ ಹೋದರು. ಹಿಂದಿನದರಲ್ಲಿ ಸೀತಾಲಕ್ಷ್ಮಿ, ದುಂಡವ್ವ, ದಿಲ್ಲಿಯ ಹೆಂಗಸು ಮತ್ತು ಗೈಡು. ಮರಗಳ ಬೇರುಗಳು ನೀರಿನಿಂದ ಮೇಲೆದ್ದು ನಿಂತಿದ್ದವು, ಹದ್ದುಗಳು ಮೀನಿಗೆ ಎರಗುತ್ತಿದ್ದವು. ದಿಲ್ಲಿಯವಳು ವಿಡಿಯೋ ಕ್ಯಾಮೆರಾ ಕಣ್ಣಿಗೆ ಒತ್ತಿಕೊಂಡು ಕೂತಿದ್ದಳು.

ಅರ್ಧ ಗಂಟೆಯಾಗಿರಬೇಕು. ದುಂಡವ್ವ ಹತ್ತಿರ ಸರಿದು ಸೀತಾಲಕ್ಷ್ಮಿಯ ಕಿವಿಗೆ ಬಾಯಿಟ್ಟಳು.

"ನಿನಗ ತಿಳಿಯಂಗಿಲ್ಲ ಖರೆ, ಆದ್ರ ಹೆಣಮಗಳದಿ ಅಂತ ಹೇಳತೀನಿ. ಹೊರಗ ಹೋಗಬೇಕಾಗೇತಿ ನನಗ. ಸಕ್ಕರಿ ಬ್ಯಾನಿ, ತಡಕೊಳ್ಳಾಕ ಆಗವಲ್ದು. ದೋಣಿ ದಂಡಿಗೆ ಹಚ್ಚಂತ ಆ ಹುಡುಗೀಗ ಹೇಳವ್ವ."

ಗೈಡ್ ಹುಡುಗಿ ಎರಡಡಿ ದೂರದಲ್ಲಿದ್ದಳು. ಇಂಗ್ಲಿಷಿನಲ್ಲಿ ಒಂದು ಮಾತು, ಅದೂ ಮೆಲ್ಲಗೆ, ಸಾಕಿತ್ತು. ಆದರೆ ಆ ಒಂದು ಮಾತು ಆಡಿದರೆ, ಮುದುಕಿ ಹೇಳಿದ್ದು ನಿಮಗೆ ಹೇಗೆ ತಿಳಿಯಿತು ಎಂದು ದಿಲ್ಲಿಯವಳು ಕೇಳುತ್ತಾಳೆ. ಬೆಳಗಿನಿಂದ ಆಡಿದ ಆಟವೆಲ್ಲ ದುಂಡವ್ವನಿಗೂ ಗೊತ್ತಾಗುತ್ತದೆ. ಇನ್ನೇನು ದಡ ಬಂದೇ ಬಂತು, ಹತ್ತು ನಿಮಿಷ, ವಯಸ್ಸಾದವರು ಎಲ್ಲವನ್ನೂ ದೊಡ್ಡದು ಮಾಡುತ್ತಾರೆ ಎಂದೆಲ್ಲ ಸೀತಾಲಕ್ಷ್ಮಿ ತನಗೆ ತಾನೇ ಹೇಳಿಕೊಂಡಳು. ದುಂಡವ್ವ ಅವಳ ಮಣಿಕಟ್ಟು ಹಿಡಿದು, "ಹೇಳವ್ವ" ಎಂದು ಇನ್ನೊಮ್ಮೆ ಅಂದಳು. ಸೀತಾಲಕ್ಷ್ಮಿ ಮುಖವನ್ನು ಹದ್ದುಗಳ ಕಡೆ ತಿರುಗಿಸಿದಳು.

ದೋಣಿ ದಡಕ್ಕೆ ಹೋಗಲಿಲ್ಲ. ಹದ್ದು ಚೆನ್ನಾಗಿ ಕಾಣಲೆಂದು ಇನ್ನೊಂದು ಸುತ್ತು ಹಾಕಿತು. ಮಣಿಕಟ್ಟಿನ ಮೇಲಿದ್ದ ಕೈ ಮೊದಲು ಬಿಗಿಯಾಯಿತು, ಆಮೇಲೆ ಸಡಿಲಾಯಿತು, ಆಮೇಲೆ ತಾನಾಗಿ ಹಿಂದೆ ಹೋಯಿತು. ಸೀತಾಲಕ್ಷ್ಮಿ ತಿರುಗಿ ನೋಡುವ ಹೊತ್ತಿಗೆ ದುಂಡವ್ವ ಬಗ್ಗಿ ಬೊಗಸೆಯಲ್ಲಿ ಸಮುದ್ರದ ನೀರು ತುಂಬಿ ತನ್ನ ಮಡಿಲಿಗೆ ಸುರಿದುಕೊಳ್ಳುತ್ತಿದ್ದಳು. ಒಮ್ಮೆ, ಎರಡು ಸಲ, ಮೂರು ಸಲ. ಸೀರೆಯೆಲ್ಲ ಒಂದೇ ಸಮನೆ ಒದ್ದೆಯಾಗುವವರೆಗೆ.

"ಅಜ್ಜಿಗೆ ಆಟ" ಎಂದು ಗೈಡು ಇಂಗ್ಲಿಷಿನಲ್ಲಿ ನಕ್ಕಳು. ದಿಲ್ಲಿಯವಳೂ ನಗುತ್ತ ಕ್ಯಾಮೆರಾ ಇತ್ತ ತಿರುಗಿಸಿದಳು. ದುಂಡವ್ವ ಕ್ಯಾಮೆರಾ ನೋಡಿ ನಕ್ಕಳು.

ಇಳಿದ ಮೇಲೆ ಮಗ, "ಯಾಕವ್ವ, ಸೀರಿ ಇಷ್ಟ ತೊಯ್ದೈತಿ?" ಎಂದು ಕೇಳಿದ. "ನೀರು ಸಿಡೀತಪ್ಪ ದೋಣ್ಯಾಗ" ಎಂದಳು. ಜಲಪಾತದ ಹತ್ತಿರ ಎಲ್ಲರೂ ನೆರಳು ಹುಡುಕಿಕೊಂಡಾಗ ಅವಳೊಬ್ಬಳು ಬಿಸಿಲಿಗೆ ಬೆನ್ನು ಕೊಟ್ಟು ನಿಂತಳು. ವ್ಯಾನಿನಲ್ಲಿ ಸೀಟಿನ ಮೇಲೆ ಕೂರದೆ, ಟವೆಲ್ ಹಾಸಿಕೊಂಡು ಕೆಳಗೆ ಕೂತಳು. ಬೆಳಗಿನಿಂದ ಬಾಯಿ ಮುಚ್ಚದವಳು ಹಡಗು ಸೇರುವವರೆಗೆ ಸೀತಾಲಕ್ಷ್ಮಿಯ ಜೊತೆ ಒಂದು ಮಾತೂ ಆಡಲಿಲ್ಲ.

ಆ ಸಂಜೆಯೇ ರಾಮಪ್ರಸಾದರ ಹೊಟ್ಟೆ ಸರಿಹೋಯಿತು. ಹಡಗಿನ ಮೇಲೆ ಗಾಳಿಗೆ ಹೋದವರು ಒಂದು ಗಂಟೆ ಬಿಟ್ಟು ಕುಣಿದಾಡುತ್ತ ಬಂದರು. "ಸೀತೂ, ಕನ್ನಡದೋರು ಸಿಕ್ರು ಕಣೆ. ನಮ್ಮ ಬಿಟಿಎಂನೋರೇ. ಏನ್ ಒಳ್ಳೆ ಜನ ಗೊತ್ತಾ, ಬಾ, ಪರಿಚಯ ಮಾಡಿಸ್ತೀನಿ." ಅವಳಿಗೆ ತಲೆನೋವು ಬಂತು. ಆ ತಲೆನೋವು ಸಿಂಗಪುರದಲ್ಲಿ ಇಳಿಯುವವರೆಗೂ ಬಿಡಲಿಲ್ಲ. ಊಟ ಕೋಣೆಗೇ ತರಿಸಿಕೊಂಡಳು.

ಊರಿಗೆ ಬಂದು ಅಕ್ಕಪಕ್ಕದವರಿಗೆ ಹದ್ದು, ಗುಹೆ ಎಲ್ಲ ವರ್ಣಿಸಿದಳು. ಸಲ್ವಾರನ್ನು ಕೆಲಸದ ಮುನಿಲಕ್ಷ್ಮಮ್ಮನ ಮಗಳಿಗೆ ಕೊಟ್ಟಳು. ದೇವರ ಮುಂದೆ ಕೂತರೆ ಬೊಗಸೆಯಲ್ಲಿ ನೀರು ತುಂಬುವ ಆ ಎರಡು ಕೈ ಕಣ್ಣಿಗೆ ಕಟ್ಟುತ್ತಿದ್ದವು. ಅಡಿಕೆಗೆ ಹೋದ ಮಾನ ಆನೆ ಕೊಟ್ಟರೂ ಬಾರದು ಎಂದು ಅವಳ ಅಮ್ಮ ಹೇಳುತ್ತಿದ್ದಳು. ಇಲ್ಲಿ ತನ್ನ ಅಡಿಕೆಯಷ್ಟು ಜಂಬಕ್ಕೆ ಹೋದದ್ದು ಇನ್ನೊಬ್ಬಳ ಮಾನ. ಇದಕ್ಕೆ ಯಾವ ಗಾದೆಯೂ ಇರಲಿಲ್ಲ.

ರಾಮಪ್ರಸಾದರು ಬಿಡುವವರಲ್ಲ. ಗುರುಸಿದ್ದ ಕೊಟ್ಟ ವಿಳಾಸದ ಚೀಟಿ ಟೆಲಿಫೋನ್ ಪಕ್ಕದಲ್ಲೇ ಇತ್ತು. ಆರು ಭಾನುವಾರ ಏನಾದರೊಂದು ನೆವ ಹೇಳಿ ತಪ್ಪಿಸಿಕೊಂಡಳು. ಏಳನೆಯದಕ್ಕೆ ಅವರು ಆಟೋವನ್ನೇ ಗೇಟಿನ ಮುಂದೆ ತಂದು ನಿಲ್ಲಿಸಿದರು. ಅವಳು ಸೀರೆ ಉಟ್ಟು ಬಂದಳು. ದಾರಿಯುದ್ದಕ್ಕೂ, ಖಾನಾವಳಿ ಇವತ್ತು ಮುಚ್ಚಿರಲಿ ಎಂದು ಬೇಡಿಕೊಂಡಳು. ಕೈಮುಗಿದು ತಪ್ಪಾಯಿತು ಅಂದುಬಿಡಬೇಕು ಎಂದೂ ಅಂದುಕೊಂಡಳು. ಎರಡೂ ಬಯಕೆ ನಿಜವೇ ಆಗಿದ್ದವು.

ಖಾನಾವಳಿ ತೆರೆದಿತ್ತು. ಆರು ಟೇಬಲ್ಲು, ಎಲ್ಲ ಕಡೆ ಆಫೀಸಿನ ಹುಡುಗರು. ಗುರುಸಿದ್ದ ರಾಮಪ್ರಸಾದರನ್ನು ಕಂಡು ಗಲ್ಲಾ ಬಿಟ್ಟು ಓಡಿಬಂದ. ಹಿಂದಿದ್ದ ಸೀತಾಲಕ್ಷ್ಮಿಯನ್ನು ನೋಡಿ ತಡೆದು ನಿಂತ.

"ಅರೆ, ಇವರು ನಮ್ಮ ವ್ಯಾನಿನಾಗ ಇದ್ದ ಮೇಡಂ ಅಲ್ರಿ? ನಿಮ್ಮ ಮನಿಯವ್ರಾ? ಅವ್ವಾ, ಇಲ್ಲಿ ಬಾ, ಯಾರು ಬಂದಾರ ನೋಡು." ಎಂದವನು ರಾಮಪ್ರಸಾದರ ಕಡೆ ತಿರುಗಿ ದನಿ ತಗ್ಗಿಸಿದ. "ಮೇಡಂಗ ಕನ್ನಡ ಬರಂಗಿಲ್ಲ ಅಂತಂದಿದ್ರು. ನಿಮ್ಮನ್ನ ಮದುವಿ ಆದ ಮ್ಯಾಲೂ ಕಲೀಲಿಲ್ಲೇನ್ರಿ?"

ರಾಮಪ್ರಸಾದರು ಗಟ್ಟಿಯಾಗಿ ನಕ್ಕರು. "ಯಾರಿಗೆ, ನಮ್ ಸೀತಂಗಾ? ಏನ್ ಗುರುಸಿದ್ದಪ್ಪನೋರೇ, ಪ್ರತಿ ನವೆಂಬರು ನಮ್ಮ ಬ್ಲಾಕಿನ ಹೆಂಗಸರಿಗೆಲ್ಲ ನಾಡಗೀತೆ ಹೇಳ್ಕೊಡೋಳೇ ಇವಳು. ಯಾರೋ ಬೇರೆಯೋರು ಇರ್ಬೇಕು ಬಿಡಿ."

ದುಂಡವ್ವ ಅಷ್ಟರಲ್ಲಿ ಸೆರಗಿನಿಂದ ಹಿಟ್ಟಿನ ಕೈ ಒರೆಸಿಕೊಳ್ಳುತ್ತ ಬಂದಿದ್ದಳು. ಗುರುಸಿದ್ದ ಸೀತಾಲಕ್ಷ್ಮಿಯ ಮುಖವನ್ನೇ ನೋಡುತ್ತಿದ್ದ. ರಾಮಪ್ರಸಾದರ ನಗು ಅರ್ಧಕ್ಕೆ ನಿಂತಿತು. ಅವರೂ ಹೆಂಡತಿಯನ್ನು ನೋಡಿದರು.

ದುಂಡವ್ವ ಒಂದು ಕ್ಷಣವೂ ತಡಮಾಡಲಿಲ್ಲ. "ಏ, ಸುಮ್ನಿರೋ" ಎಂದು ಮಗನನ್ನು ಗದರಿದಳು. "ಅವತ್ತು ಹಡಗಿನ ಗಾಳೀಗೆ ಕಿವಿ ಕಟ್ಟಿದ್ವು ಆಕೀಗ. ನಾ ಅಂದಿದ್ದು ಏನೂ ಕೇಳಿಸಿಲ್ಲ. ಕುಂದರ್ರಿ ಸರ, ಬಿಸಿ ರೊಟ್ಟಿ ತರತೀನಿ."

ಎಲ್ಲರೂ ಕೂತರು. ಕಿವಿ ಕಟ್ಟಿತ್ತಂತೆ ಎಂದು ರಾಮಪ್ರಸಾದರು ತಮಗೆ ತಾವೇ ತಲೆಯಾಡಿಸಿಕೊಂಡರು. ಗುರುಸಿದ್ದ ಲೋಟಕ್ಕೆ ನೀರು ಹಾಕಿದ. ಅಲ್ಲಿಗೆ ಎಲ್ಲ ಮುಗಿಯಬಹುದಿತ್ತು. ಬೆಣ್ಣೆಯ ಹಾಗೆ ಸಲೀಸಾಗಿ ಮುಗಿಯಬಹುದಿತ್ತು. ದುಂಡವ್ವ ಎಣ್ಣೆಗಾಯಿ, ಝುಣಕ ಬಡಿಸಿ ಸೀತಾಲಕ್ಷ್ಮಿಯ ತಟ್ಟೆಗೆ ರೊಟ್ಟಿ ಹಾಕಲು ಬಗ್ಗಿದಳು. ಅವಳು ಇವಳ ಮುಖ ನೋಡಲಿಲ್ಲ.

"ಕೇಳಿಸಿತ್ತು" ಎಂದಳು ಸೀತಾಲಕ್ಷ್ಮಿ.

ಗಂಡ ಎಣ್ಣೆಗಾಯಿಯಿಂದ ತಲೆ ಎತ್ತಿದರು. "ಏನೇ?"

"ಎಲ್ಲಾ ಕೇಳಿಸಿತ್ತು. ದೋಣೀಲಿ ನೀವು ಹೇಳಿದ್ದು. ಎರಡು ಸಲವೂ ಕೇಳಿಸಿತ್ತು."

ದುಂಡವ್ವ ರೊಟ್ಟಿಯನ್ನು ತಟ್ಟೆಗೆ ಇಳಿಸಿದಳು. ನೆಟ್ಟಗೆ ನಿಂತಳು. ಈಗ ಮೊದಲ ಸಲ ಸೀತಾಲಕ್ಷ್ಮಿಯ ಕಣ್ಣು ನೋಡಿದಳು.

"ಗೊತ್ತೈತವ್ವ" ಎಂದಳು ಮೆಲ್ಲಗೆ. "ಮಾತು ತಿಳೀದವರು ಬಾಯಿ ನೋಡತಾರ. ನೀ ಮಾರಿ ಹೊಳ್ಳಿಸಿದಿ." ತಟ್ಟೆಯನ್ನು ಇವಳ ಕಡೆ ಸರಿಸಿ, "ಉಣ್ಣು, ಆರತೈತಿ" ಎಂದು ಒಳಗೆ ಹೋದಳು.

ಸೀತಾಲಕ್ಷ್ಮಿ ಎರಡೂ ಕೈಯನ್ನು ತಟ್ಟೆಯ ಆಚೀಚೆ ಇಟ್ಟುಕೊಂಡು ಕೂತಳು. ರಾಮಪ್ರಸಾದರು ನೀರು ಕುಡಿದರು. ಬಾಗಿಲ ಹತ್ತಿರದ ಟೇಬಲ್ಲಿನ ಹುಡುಗರು ರೊಟ್ಟಿ ಕೇಳಿದರು. ಗುರುಸಿದ್ದ ಅಡುಗೆಮನೆಯ ಕಡೆ ತಿರುಗಿ, "ಅವ್ವಾ, ನಾಕು ರೊಟ್ಟಿ" ಎಂದು ಕೂಗಿದ. ಬಾಗಿಲ ಸಂದಿನಲ್ಲಿ ದುಂಡವ್ವ ಒಲೆಗೆ ಬೆನ್ನು ಮಾಡಿ, ಸೆರಗನ್ನು ಮುಖಕ್ಕೆ ಒತ್ತಿಕೊಂಡು ನಿಂತದ್ದು ಸೀತಾಲಕ್ಷ್ಮಿಗೆ ಕಂಡಿತು. ಮಗ ಇನ್ನೊಮ್ಮೆ ಕೂಗಿದ. ಒಲೆಯ ಮೇಲೆ ಹಂಚು ಬರಿದಾಗಿ ಕಾಯುತ್ತಿದ್ದ ವಾಸನೆ ಹೊರಗಿನವರೆಗೆ ಬಂತು.